ರೇಡ್ ತಯಾರಿ (ಪೊಕೆಮಾನ್ ಗೋ): ಇತಿಹಾಸ

ಜಪಾನಿನ ಪೊಕೆಮಾನ್ ಕಥಾಲೋಕವನ್ನು ಆಧರಿಸಿದ ‘ಪೊಕೆಮಾನ್ ಗೋ’ ಮೊಬೈಲ್ ಆಟದಲ್ಲಿ ಹಲವು ಆಟಗಾರರು ಒಂದೇ ಜಿಮ್‌ಗೆ ಸೇರಿ, ಸಾಮಾನ್ಯವಾಗಿ ಒಬ್ಬರಿಗೆ ಬಗ್ಗದ ಬಾಸ್ ಪೊಕೆಮಾನನ್ನು ಗಡುವಿನೊಳಗೆ ಸೋಲಿಸುವ ಕಾಳಗಕ್ಕೆ ರೇಡ್ ಎನ್ನುತ್ತಾರೆ. ಕಾಳಗ ಹೆಚ್ಚೆಂದರೆ ಐದು ನಿಮಿಷದ್ದು. ಅದಕ್ಕೆ ಮುಂಚೆ ತಂಡ ಕಟ್ಟುವುದು, ಜನ ಸೇರಿಸುವುದು, ಪಾಸ್ ಹೊಂದಿಸುವುದು, ಹವಾಮಾನ ನೋಡುವುದು, ಜಿಮ್ ಇರುವ ಕಡೆ ಹೋಗುವುದು ಇವೆಲ್ಲ ತಯಾರಿಗೆ ಸೇರುತ್ತವೆ. ರೇಡ್ ಕುರಿತ ಬರಹಗಳಲ್ಲಿ ಬಹುಪಾಲು ಬಾಸ್‌ಗಳ ಪಟ್ಟಿಗಳು, ಮತ್ತು ಅವು ದೊಡ್ಡ ನಗರದ ಆಟಗಾರನನ್ನು ಮನಸ್ಸಿನಲ್ಲಿಟ್ಟುಕೊಂಡು ಬರೆದವು. ಈ ಲೇಖನ ತಯಾರಿಯ ಬದಲಾವಣೆಗಳನ್ನು ಕರ್ನಾಟಕದಿಂದ, ಅದರಲ್ಲೂ ಗದಗ ಜಿಲ್ಲೆಯ ರೋಣ, ನರಗುಂದ, ಗಜೇಂದ್ರಗಡದಂಥ ತಾಲ್ಲೂಕು ಕೇಂದ್ರಗಳ ಕಡೆಯಿಂದ ನೋಡುತ್ತದೆ. ಅಲ್ಲಿಂದ ನೋಡಿದರೆ ಮುಖ್ಯ ತಿರುವುಗಳ ಕ್ರಮವೇ ಬೇರೆ.

ಭಾರತಕ್ಕೆ ಬಂದ ಬಗೆ

ಅಮೆರಿಕದ ನಯಾಂಟಿಕ್ ಕಂಪನಿ 2016ರ ಜುಲೈ 6ರಂದು ಅಮೆರಿಕ, ಆಸ್ಟ್ರೇಲಿಯಾ, ನ್ಯೂಜಿಲೆಂಡ್‌ಗಳಲ್ಲಿ ಆಟವನ್ನು ಬಿಡುಗಡೆ ಮಾಡಿತು. ಭಾರತದಲ್ಲಿ ಅಧಿಕೃತವಾಗಿ ಸಿಗುವ ಮೊದಲೇ ಬೇರೆ ದಾರಿಯಲ್ಲಿ ಫೋನಿಗೆ ಇಳಿಸಿಕೊಂಡು ಆಡಿದವರು ಬೆಂಗಳೂರು ಸೇರಿ ಅನೇಕ ನಗರಗಳಲ್ಲಿದ್ದರು. ದೇವಸ್ಥಾನಗಳಿರುವ ಜಾಗದಲ್ಲಿ ಮೊಟ್ಟೆ ಕಾಣಿಸುತ್ತದೆ ಎಂಬ ದೂರು ಅದೇ ಸೆಪ್ಟೆಂಬರ್‌ನಲ್ಲಿ ಗುಜರಾತ್ ಹೈಕೋರ್ಟ್‌ವರೆಗೂ ಹೋಯಿತು. ಭಾರತದ ಬಿಡುಗಡೆ ದಿನವನ್ನು ಕೆಲವರು ಡಿಸೆಂಬರ್ 13 ಎಂದೂ ಕೆಲವರು 14 ಎಂದೂ ಬರೆಯುತ್ತಾರೆ. ರಿಲಯನ್ಸ್ ಜಿಯೋ ಜೊತೆಗಿನ ಒಪ್ಪಂದದ ಪ್ರಕಟಣೆ 13ರದ್ದು, ಅದರಲ್ಲಿ ಹೇಳಿದ ಬಿಡುಗಡೆ ದಿನ 14. ಗೊಂದಲ ಇಷ್ಟೇ. ಆ ಸೆಪ್ಟೆಂಬರ್ 5ರಂದು ಸೇವೆ ಆರಂಭಿಸಿದ್ದ ಜಿಯೋದ ಉಚಿತ ಡೇಟಾ ಅವಧಿ ಇನ್ನೂ ನಡೆಯುತ್ತಿತ್ತು. ಸದಾ ನೆಟ್ ಬೇಡುವ ಈ ಆಟ ಸಣ್ಣ ಊರುಗಳಿಗೆ ಕೈಗೆಟುಕಿದ್ದು ಆ ಹೊತ್ತಿಗೇ.

2017: ರೇಡ್ ಶುರು

2017ರ ಜೂನ್‌ನಲ್ಲಿ ಹಳೆಯ ಜಿಮ್ ವ್ಯವಸ್ಥೆಯನ್ನು ಕೆಲ ದಿನ ಮುಚ್ಚಿ ಹೊಸದನ್ನು ತಂದರು. ಅದರ ಬೆನ್ನಿಗೇ ರೇಡ್ ಬಂತು. ಮೊದಲು 35ನೇ ಹಂತ ದಾಟಿದವರಿಗೆ ಮಾತ್ರ ತೆರೆದು, ನಂತರ ಮಿತಿಯನ್ನು ಮೆಟ್ಟಿಲು ಮೆಟ್ಟಿಲಾಗಿ ಇಳಿಸಿದ್ದರಿಂದ ರೇಡ್ ಆರಂಭದ ದಿನ ಎಂದು ಬೇರೆಬೇರೆ ಕಡೆ ಬೇರೆಬೇರೆ ತಾರೀಖು ಸಿಗುತ್ತದೆ. ಜುಲೈ 22ರಂದು ಷಿಕಾಗೋದ ಗ್ರಾಂಟ್ ಪಾರ್ಕ್‌ನಲ್ಲಿ ನಡೆದ ಉತ್ಸವ ನೆಟ್‌ವರ್ಕ್ ಕುಸಿದು ಹಾಳಾಯಿತು, ಟಿಕೆಟ್ ಹಣ ವಾಪಸಾಯಿತು. ಆದರೆ ಲೂಗಿಯಾ, ಆರ್ಟಿಕುನೋ ಎಂಬ ‘ಲೆಜೆಂಡರಿ’ ಬಾಸ್‌ಗಳು ಅಲ್ಲಿಂದಲೇ ಲೋಕಕ್ಕೆಲ್ಲ ಬಿಡುಗಡೆಯಾದವು.

ತಯಾರಿಯ ಮೂಲ ವ್ಯಾಕರಣ ಆ ಎರಡು ತಿಂಗಳಲ್ಲೇ ರೂಪುಗೊಂಡಿತು. ಜಿಮ್‌ನ ಚಿತ್ರಫಲಕ ತಿರುಗಿಸಿದರೆ ದಿನಕ್ಕೊಂದು ಪಾಸ್ ಪುಕ್ಕಟೆ, ಇನ್ನೊಂದು ಬೇಕಾದರೆ 100 ನಾಣ್ಯ. ಜಿಮ್ ಮೇಲೆ ಮೊದಲು ಮೊಟ್ಟೆ ಕೂರುತ್ತದೆ, ಒಡೆದ ಮೇಲೆ ಬಾಸ್ ಗೊತ್ತುಪಡಿಸಿದ ಹೊತ್ತು ನಿಲ್ಲುತ್ತದೆ, ಮುಂದೆ ಇದು 45 ನಿಮಿಷವಾಯಿತು. ಲಾಬಿಯಲ್ಲಿ ಜನ ಸೇರಲು 120 ಸೆಕೆಂಡು. ಪ್ರತಿಯೊಬ್ಬರೂ ಆರು ಪೊಕೆಮಾನ್ ಆರಿಸಬೇಕು, ಅವು ಬಾಸ್‌ನ ಬಗೆಗೆ ಎದುರಾಳಿಯಾಗಿರಬೇಕು. ಇವನ್ನು ಆಟಗಾರರು ‘ಕೌಂಟರ್’ ಎನ್ನುತ್ತಾರೆ. ಕಲ್ಲು ಮತ್ತು ಕತ್ತಲೆ ಎರಡೂ ಬಗೆಯ ಟೈರಾನಿಟಾರ್‌ಗೆ ಕುಸ್ತಿ ಬಗೆಯ ಏಟು ಇಮ್ಮಡಿಯಾಗಿ ನಾಟುತ್ತದೆ. ಹಾಗಾಗಿ ಮಚಾಂಪ್ ಸಾಕಿದವರಿಗೆ 2017ರಲ್ಲಿ ಬೇಡಿಕೆ ಇತ್ತು. ಆರ್ಟಿಕುನೋ, ಮೋಲ್ಟ್ರೆಸ್ ಎರಡಕ್ಕೂ ಕಲ್ಲೇ ಮದ್ದು, ಅದಕ್ಕೆ ಗೋಲೆಮ್. ಆಟ ತಾನಾಗಿ ಸೂಚಿಸುವ ತಂಡವನ್ನು ಒಪ್ಪಿಕೊಂಡವರ ಪಾಡು ಬೇರೆ. ಅದು ತಡೆಯುವ ಶಕ್ತಿಯ ಕಡೆಗೆ ವಾಲಿ, ಮುಂದಿನ ವರ್ಷಗಳಲ್ಲಿ ಸಾಯದ ಆದರೆ ಹೊಡೆಯದ ಅಗ್ರಾನ್‌ಗಳನ್ನು ಸಾಲಾಗಿ ನಿಲ್ಲಿಸುತ್ತಿತ್ತು. ಲಾಬಿಯಲ್ಲಿ ಅಗ್ರಾನ್ ಕಂಡರೆ ಹೊಸಬ ಬಂದಿದ್ದಾನೆ ಎಂದು ಹಳಬರು ತಿಳಿಯುತ್ತಿದ್ದರು.

ಎಷ್ಟು ಜನ ಬೇಕು?

ಇದು ಅತಿ ಹೆಚ್ಚು ತಪ್ಪಾಗಿ ದಾಖಲಾದ ಅಂಶ. ಒಂದು ಲಾಬಿಯಲ್ಲಿ 20 ಜನ ಸೇರಬಹುದು ಎಂದು ಕಂಪನಿ ಹೇಳಿದ್ದು 20 ಜನ ಬೇಕೇಬೇಕು ಎಂಬ ನಂಬಿಕೆಯಾಗಿ ಹರಡಿತು. ಆರಂಭದಲ್ಲಿ ಎಲ್ಲರ ಪೊಕೆಮಾನ್‌ಗಳೂ ಎಳೆಯವಾಗಿದ್ದರಿಂದ ಅದು ಅರೆ ನಿಜವೂ ಆಗಿತ್ತು. ಆದರೆ ಲೆಕ್ಕ ಹಾಕಿದರೆ ಬೇರೆಯೇ ಸಂಖ್ಯೆ ಬರುತ್ತದೆ. ಆಟದ ಕಡತಗಳಿಂದ ಆಟಗಾರರು ಹೊರತೆಗೆದ ಪ್ರಕಾರ, 2018ರ ಕೊನೆಯಲ್ಲಿ ಆದ ಬದಲಾವಣೆಯ ನಂತರ ಐದನೇ ದರ್ಜೆಯ (ಲೆಜೆಂಡರಿ) ಬಾಸ್‌ನ ಜೀವಬಲ 15,000, ಅದನ್ನು ಮುಗಿಸಲು ಕೊಡುವ ಸಮಯ 300 ಸೆಕೆಂಡು. ಅಂದರೆ ಸೆಕೆಂಡಿಗೆ 50ರ ಏಟು ಬೀಳಬೇಕು. ಒಬ್ಬರ ತಂಡ ಸೆಕೆಂಡಿಗೆ 15ರಂತೆ ಹೊಡೆದರೆ ಮೂವರದು 45ಕ್ಕೆ ನಿಂತು ಸೋಲು, ನಾಲ್ವರದು 60 ಆಗಿ ಗೆಲುವು. ಆರೂ ಪೊಕೆಮಾನ್ ಬಿದ್ದ ಮೇಲೆ ಮತ್ತೆ ಲಾಬಿಗೆ ಬಂದು ತಂಡ ಎಬ್ಬಿಸಿ ಒಳಹೋಗಲು ಹಾಳಾಗುವ ಸೆಕೆಂಡುಗಳನ್ನೂ ಕಳೆಯಬೇಕು. ಇಪ್ಪತ್ತು ಜನರ ಊರಿಗೂ ನಾಲ್ಕು ಜನರ ಊರಿಗೂ ಇರುವ ಅಂತರವನ್ನು ಸರಿಯಾದ ತಯಾರಿಯೇ ತುಂಬಬಲ್ಲದು ಎಂಬುದು ಈ ಲೆಕ್ಕದಿಂದ ಸಿಗುವ ತಿಳಿವಳಿಕೆ. ಸಣ್ಣ ಊರಿನ ಆಟಗಾರರು ಕೌಂಟರ್ ವಿಷಯದಲ್ಲಿ ಹೆಚ್ಚು ಕಟ್ಟುನಿಟ್ಟಾಗಿರಬೇಕಾದದ್ದು ಇದರಿಂದಲೇ. ಬೆಂಗಳೂರಿನ ಉದ್ಯಾನದಲ್ಲಿ ಹದಿನೈದು ಜನರ ನಡುವೆ ಅಗ್ರಾನ್ ಹಾಕಿಯೂ ಗೆಲ್ಲಬಹುದು.

ಏಟು ಹೆಚ್ಚಿಸುವ ದಾರಿಗಳು ಒಂದೊಂದಾಗಿ ಬಂದವು. 2017ರ ಡಿಸೆಂಬರ್‌ನಲ್ಲಿ ಹವಾಮಾನದ ಲಾಭ ಸೇರಿತು. ಆಯಾ ಹವೆಗೆ ಹೊಂದುವ ಬಗೆಗೆ ಶೇ 20 ಹೆಚ್ಚು ಏಟು. ಗಜೇಂದ್ರಗಡದ ಗುಡ್ಡದ ಮೇಲೆ ಗಾಳಿಯಂತ್ರಗಳನ್ನು ನಿಲ್ಲಿಸಿದ್ದು ಅಲ್ಲಿನ ಗಾಳಿಯನ್ನು ನಂಬಿಯೇ. ಆಟದ ಪರದೆಯಲ್ಲಿ ಗಾಳಿಯ ಗುರುತು ಬಂದಾಗ ಡ್ರ್ಯಾಗನ್, ಹಾರುವ, ಮನೋಶಕ್ತಿಯ ಬಗೆಗಳಿಗೆ ಬಲ ಬರುತ್ತದೆ. ಬಾಸ್ ಕೂಡ ಅದೇ ಬಗೆಯದಾದರೆ ಅದಕ್ಕೂ ಬಲ ಬರುತ್ತದೆ ಎಂಬುದನ್ನು ಅನೇಕ ಕೈಪಿಡಿಗಳು ಬಿಟ್ಟುಬಿಡುತ್ತವೆ. ಗಾಳಿಯಲ್ಲಿ ಡ್ರ್ಯಾಗನ್ ಮತ್ತು ಹಾರುವ ಬಗೆಯ ರೇಕ್ವೇಜಾವನ್ನು ಸೋಲಿಸುವುದು ಕಷ್ಟ, ಆದರೆ ಹಿಡಿದರೆ 20ನೇ ಹಂತದ ಬದಲು 25ನೇ ಹಂತದ್ದು ಸಿಗುತ್ತದೆ. 2018ರ ಜೂನ್‌ನ ‘ಸಮುದಾಯ ದಿನ’ದಲ್ಲಿ ಲಾರ್ವಿಟಾರ್ ಹಿಡಿದು ಬೆಳೆಸಿದವರಿಗೆ ಟೈರಾನಿಟಾರ್ ಒಂದು ವಿಶೇಷ ಕಲ್ಲೇಟಿನೊಡನೆ ಸಿಕ್ಕಿತು. ಬಾಸ್ ಆಗಿದ್ದದ್ದು ಕಲ್ಲು ಬಗೆಯ ಒಳ್ಳೆಯ ಕೌಂಟರ್ ಕೂಡ ಆಯಿತು.

ಗೆಳೆತನವೂ ಒಂದು ಲೆಕ್ಕ

2018ರ ಜೂನ್‌ನಲ್ಲೇ ಗೆಳೆಯರ ಪಟ್ಟಿ ಬಂತು. 12 ಅಂಕಿಯ ಕೋಡ್ ಕೊಟ್ಟು ಒಬ್ಬರನ್ನೊಬ್ಬರು ಸೇರಿಸಿಕೊಂಡು, ದಿನಕ್ಕೊಮ್ಮೆ ಉಡುಗೊರೆಯನ್ನೋ ಕಾಳಗವನ್ನೋ ಹಂಚಿಕೊಂಡರೆ ಗೆಳೆತನದ ದರ್ಜೆ 1, 7, 30, 90 ದಿನಕ್ಕೆ ಏರುತ್ತದೆ. ಒಟ್ಟಿಗೆ ರೇಡ್ ಮಾಡುವಾಗ ಏಟು ಕ್ರಮವಾಗಿ ಶೇ 3, 5, 7, 10 ಹೆಚ್ಚುತ್ತದೆ. ಹೀಗೆ ತಯಾರಿಯ ಅವಧಿ ಒಂದು ಸಂಜೆಯಿಂದ ಮೂರು ತಿಂಗಳಿಗೆ ಹಿಗ್ಗಿತು. ಉಡುಗೊರೆ ಸಿಗುವುದು ಹೆಚ್ಚಾಗಿ ‘ಪೋಕೆಸ್ಟಾಪ್’ ಎಂಬ ತಾಣಗಳನ್ನು ತಿರುಗಿಸಿದಾಗ. ಸ್ಟಾಪ್ ವಿರಳವಿರುವ ಕಡೆ ಕಳಿಸಲು ಉಡುಗೊರೆಯೇ ಇರುವುದಿಲ್ಲ. ಆದರೆ ಬಂದದ್ದನ್ನು ತೆರೆದರೂ ಇಬ್ಬರಿಗೂ ದಿನದ ಲೆಕ್ಕ ಏರುತ್ತದೆ, ಆದ್ದರಿಂದ ನಗರದ ಗೆಳೆಯ ಕಳಿಸುತ್ತ, ಹಳ್ಳಿಯವನು ತೆರೆಯುತ್ತ ಹೋದರೂ ಸಾಕು.

ಜಿಮ್ ಎಲ್ಲಿ ಹುಟ್ಟುತ್ತದೆ

ತಯಾರಿಯ ಇತಿಹಾಸ ಬರೆದವರು ಹೆಚ್ಚಾಗಿ ಜಿಮ್ ಇದೆ ಎಂದೇ ಹಿಡಿದು ಹೊರಡುತ್ತಾರೆ. ಸಣ್ಣ ಊರಿನ ಮೊದಲ ಪ್ರಶ್ನೆಯೇ ಅದು. ಆಟದ ತಾಣಗಳ ಮೂಲ ಭಂಡಾರ, ಅದೇ ಕಂಪನಿ 2012ರಲ್ಲಿ ಆರಂಭಿಸಿದ ‘ಇಂಗ್ರೆಸ್’ ಆಟಕ್ಕಾಗಿ ಆಟಗಾರರು ಕಳಿಸಿದ ಗುರುತುಗಳು. ಇಂಗ್ರೆಸ್ ಆಡಿದವರು ಎಲ್ಲಿ ಓಡಾಡಿದ್ದರೋ ಅಲ್ಲಿ ತಾಣಗಳು ದಟ್ಟ, ಉಳಿದೆಡೆ ವಿರಳ. ನಂತರ ಕಂಪನಿಯ ‘ವೇಫೇರರ್’ ಎಂಬ ವ್ಯವಸ್ಥೆಯ ಮೂಲಕ ಮೇಲಿನ ಹಂತದ ಆಟಗಾರರು ಹೊಸ ತಾಣ ಸೂಚಿಸುವ ದಾರಿ ತೆರೆಯಿತು.

ಹೇಗೆ ಸ್ಟಾಪ್ ಜಿಮ್ ಆಗುತ್ತದೆ ಎಂಬ ನಿಯಮವನ್ನು ಆಟಗಾರರು ನಕ್ಷೆ ಹರಡಿ ತಾವೇ ಕಂಡುಕೊಂಡರು. ಭೂಮಿಯನ್ನು ಚೌಕಗಳಾಗಿ ಹೆಚ್ಚಿದ ಲೆಕ್ಕದಲ್ಲಿ, ಸುಮಾರು 70 ಮೀಟರ್ ಬದಿಯ ಸಣ್ಣ ಚೌಕಕ್ಕೆ ಒಂದೇ ತಾಣ. ಅರ್ಧ ಕಿಲೋಮೀಟರಿಗೂ ತುಸು ಹೆಚ್ಚಿನ ಬದಿಯ ದೊಡ್ಡ ಚೌಕದಲ್ಲಿ 2 ತಾಣಗಳಾದರೆ ಒಂದು ಜಿಮ್, 6ಕ್ಕೆ ಎರಡು, 20ಕ್ಕೆ ಮೂರು. ಈ ಲೆಕ್ಕ ಗೊತ್ತಿದ್ದವರಿಗೆ ಎಲ್ಲಿ ಇನ್ನೊಂದು ತಾಣ ಸೂಚಿಸಿದರೆ ರೇಡ್ ಮಾಡುವ ಜಾಗ ಹುಟ್ಟುತ್ತದೆ ಎಂದು ಮೊದಲೇ ಗೊತ್ತಾಗುತ್ತದೆ.

ನೋಡತಕ್ಕ, ವ್ಯಾಯಾಮ ಮಾಡತಕ್ಕ, ಜನ ಕೂಡತಕ್ಕ ಸಾರ್ವಜನಿಕ ಸ್ಥಳ ಎಂಬುದು ತಾಣದ ಅರ್ಹತೆ. ಅಂಥವಕ್ಕೆ ಈ ಸೀಮೆಯಲ್ಲಿ ಬರವಿಲ್ಲ: ನರಗುಂದದ ಗುಡ್ಡದ ಕೋಟೆ, 1980ರ ರೈತ ಬಂಡಾಯದ ನೆನಪಿನ ಹುತಾತ್ಮ ಸ್ಮಾರಕ, ರೋಣದ ಅನಂತಶಯನ ಗುಡಿ, ಸೂಡಿಯ ಜೋಡುಕಳಸದ ಗುಡಿ, ಗಜೇಂದ್ರಗಡದ ಕಾಲಕಾಲೇಶ್ವರ. (ಟಿಪ್ಪುವಿನ ಮೇಲೆ ಮರಾಠರೂ ನಿಜಾಮನೂ ಕೂಡಿ ಮಾಡಿದ ಯುದ್ಧ ಮುಗಿಸಿದ 1787ರ ಒಪ್ಪಂದಕ್ಕೆ ಗಜೇಂದ್ರಗಡದ್ದೇ ಹೆಸರು. ಕೂಡು ದಾಳಿ ಈ ಊರಿಗೆ ಹೊಸದೇನೂ ಅಲ್ಲ.) ಶಾಲೆಯ ಆವರಣ, ಖಾಸಗಿ ಮನೆ ನಡೆಯುವುದಿಲ್ಲ. ಚಿತ್ರದಲ್ಲಿ ಜನರ ಮುಖವೋ ಗಾಡಿಯ ನಂಬರ್ ಪ್ಲೇಟೋ ಬಂದರೆ ತಿರಸ್ಕಾರಕ್ಕೆ ಅದೇ ನೆಪ. ಜಾತ್ರೆಯ ದಿನ ಗುಡಿಯ ಚಿತ್ರ ತೆಗೆದರೆ ಕೆಲಸ ಕೆಟ್ಟಂತೆ. ಊರಿನ ಪರಿಚಯವಿಲ್ಲದ ಬೇರೆ ಆಟಗಾರರೇ ಸೂಚನೆಯನ್ನು ತೂಗುವುದರಿಂದ, ಗುಡಿ ಯಾವ ಕಾಲದ್ದು, ಯಾಕೆ ಮುಖ್ಯ ಎಂದು ಎರಡು ಸಾಲಿನಲ್ಲಿ ಮನದಟ್ಟು ಮಾಡಿಸಬೇಕು.

2020: ದೂರದ ಪಾಸ್

ಕೋವಿಡ್‌ಗಾಗಿ ದೇಶ ಮುಚ್ಚಿದ್ದು 2020ರ ಮಾರ್ಚ್ 25ಕ್ಕೆ. ಏಪ್ರಿಲ್ ಕೊನೆಗೆ ‘ರಿಮೋಟ್ ರೇಡ್ ಪಾಸ್’ ಬಂತು. ಜಿಮ್ ಬಳಿಗೆ ಹೋಗದೆ ಮನೆಯಲ್ಲೇ ಕೂತು ಸೇರಬಹುದಾಯಿತು, ಅದೇ ವರ್ಷ ಗೆಳೆಯರ ಪಟ್ಟಿಯಿಂದ ಐವರನ್ನು ಕರೆಯುವ ಸೌಲಭ್ಯವೂ ಸೇರಿತು. ನಗರದ ದಾಖಲೆಗಳು ಇದನ್ನು ಸಾಂಕ್ರಾಮಿಕದ ತಾತ್ಕಾಲಿಕ ಏರ್ಪಾಟು ಎಂದು ಒಂದು ಸಾಲಿನಲ್ಲಿ ಮುಗಿಸುತ್ತವೆ. ಸಣ್ಣ ಊರಿನ ಇತಿಹಾಸದಲ್ಲಿ ಇದಕ್ಕಿಂತ ದೊಡ್ಡ ತಿರುವು ಇಲ್ಲ.

ಕಾರಣ ಸರಳ. ರೋಣ, ನರಗುಂದ, ಗಜೇಂದ್ರಗಡ ಒಂದೇ ಸೀಮೆಯವಾದರೂ ಒಂದರಿಂದ ಇನ್ನೊಂದಕ್ಕೆ ಬಸ್ಸಿನಲ್ಲಿ ಒಂದು ಗಂಟೆಯ ಆಚೀಚೆಯೋ ಅದಕ್ಕೂ ಹೆಚ್ಚೋ ಬೇಕು. ಬಾಸ್ ನಿಲ್ಲುವುದು 45 ನಿಮಿಷ. ಮೊಟ್ಟೆ ಒಡೆದ ಕೂಡಲೇ ಹೊರಟರೂ ಬಸ್ ಸಿಗುವುದು, ಮಧ್ಯೆ ನಿಲ್ಲುವುದು ಎಲ್ಲ ಸೇರಿ ಮುಗಿದುಹೋಗುತ್ತದೆ. ಮೂರೂ ಊರಿನ ಆಟಗಾರರು ಒಂದು ಜಿಮ್‌ನಲ್ಲಿ ಕೂಡುವುದು 2020ರವರೆಗೆ ಹೆಚ್ಚೂಕಡಿಮೆ ಕೂಡದ ಮಾತಾಗಿತ್ತು. 2019ರಿಂದ ಬುಧವಾರ ಸಂಜೆ 6ರಿಂದ 7ರವರೆಗೆ ಬಹುತೇಕ ಜಿಮ್‌ಗಳಲ್ಲಿ ಒಟ್ಟಿಗೆ ಬಾಸ್ ಬರುವ ‘ರೇಡ್ ಅವರ್’ ಇತ್ತಾದರೂ, ಅದರ ಲಾಭ ಜಿಮ್ ದಟ್ಟವಿದ್ದಲ್ಲಿ ಮಾತ್ರ. ರಿಮೋಟ್ ಪಾಸಿನ ನಂತರ ನರಗುಂದದವನು ತನ್ನೂರಿನ ಜಿಮ್ ಮುಂದೆ ನಿಂತು ಹುಬ್ಬಳ್ಳಿ, ಬೆಂಗಳೂರು, ಹೊರದೇಶದ ಗೆಳೆಯರನ್ನು ಒಳಗೆ ಕರೆಯಬಹುದಾಯಿತು. ಅವರೂ ಇವನನ್ನು ಕರೆಯಬಹುದಾಯಿತು. ಆಗ ನೋಡಬೇಕಾದ್ದು ಆ ಜಿಮ್ ಇರುವ ಊರಿನ ಹವೆ. ಹೀಗೆ ತಯಾರಿ ಎಂದರೆ ಸರಿಯಾದ ಗೆಳೆಯರ ಪಟ್ಟಿ ಎಂದಾಯಿತು. ಫೋನಿನ ಜಾಗ ಸುಳ್ಳು ತೋರಿಸಿ ಆಡುವ ಸ್ಪೂಫಿಂಗ್‌ಗೆ, ನಿಯಮಬಾಹಿರವಾದರೂ, ಹಳ್ಳಿಗಾಡಿನಲ್ಲಿ ಜನ ಕೊಡುತ್ತಿದ್ದ ಮುಖ್ಯ ಸಮಜಾಯಿಷಿಯೂ ಇದರಿಂದ ಸಡಿಲವಾಯಿತು.

ಅದೇ ಹೊತ್ತಿನಲ್ಲಿ, ಮೊದಲೇ ಆಮಂತ್ರಣ ಬಂದವರಿಗೆ ಮಾತ್ರ ತೆರೆದಿದ್ದ ‘ಇಎಕ್ಸ್ ರೇಡ್’ ನಿಂತುಹೋಯಿತು. ಮ್ಯೂಟೂ ಎಂಬ ಲೆಜೆಂಡರಿ ಬಾಸನ್ನು ಮೊದಲಿಗೆ ಹಂಚಿದ್ದು ಅದರ ಮೂಲಕ, ಅದೂ ಹೆಚ್ಚಾಗಿ ಉದ್ಯಾನಗಳ ಜಿಮ್‌ಗಳಲ್ಲಿ. ಉದ್ಯಾನವಿಲ್ಲದ ಊರು ಅದನ್ನು ಕಳೆದುಕೊಂಡದ್ದಕ್ಕೆ ಅಳಲಿಲ್ಲ.

2023ರ ಬೆಲೆ ಏರಿಕೆ

ಕಂಪನಿ 2023ರ ಏಪ್ರಿಲ್ 6ರಿಂದ ರಿಮೋಟ್ ಪಾಸನ್ನು 100ರಿಂದ 195 ನಾಣ್ಯಕ್ಕೆ, ಮೂರರ ಕಟ್ಟನ್ನು 525ಕ್ಕೆ ಏರಿಸಿ, ದಿನಕ್ಕೆ ಐದೇ ರಿಮೋಟ್ ರೇಡ್ ಎಂದು ಮಿತಿ ಹಾಕಿತು. ಜನ ಹೊರಗೆ ಬಂದು ಒಟ್ಟಾಗಿ ಆಡಬೇಕು ಎಂಬುದು ಅದರ ವಾದ. ವಿರೋಧ ಜೋರಾಗಿಯೇ ನಡೆಯಿತು, ಬೆಲೆ ಇಳಿಯಲಿಲ್ಲ. ವಿಶೇಷ ದಿನಗಳಲ್ಲಿ ಮಿತಿ ಸಡಿಲಿಸಿದ್ದುಂಟು. ಜಿಮ್ ಕಾಯ್ದು ದಿನಕ್ಕೆ ಗಳಿಸಬಹುದಾದದ್ದು ಹೆಚ್ಚೆಂದರೆ 50 ನಾಣ್ಯ. ಎರಡು ದಿನದ ಗಳಿಕೆಗೆ ಸಿಗುತ್ತಿದ್ದ ಪಾಸಿಗೆ ನಾಲ್ಕು ದಿನ ಹಿಡಿಯಿತು. ದುಡ್ಡು ಹಾಕದೆ ಆಡುವವರಿಗೆ ಯಾವ ಬಾಸ್‌ಗೆ ಪಾಸ್ ಖರ್ಚು ಮಾಡಬೇಕು ಎಂಬ ಆಯ್ಕೆಯೇ ತಯಾರಿಯ ಮೊದಲ ಹೆಜ್ಜೆಯಾಯಿತು.

ಎದುರುಬದುರು ಆಡುವವರಿಗೆ ಅದೇ ವರ್ಷದ ಅಕ್ಟೋಬರ್‌ನಲ್ಲಿ ನಾಲ್ವರವರೆಗೆ ಕೂಡಿ ಬಲ ಹೆಚ್ಚಿಸಿಕೊಳ್ಳುವ ‘ಪಾರ್ಟಿ ಪ್ಲೇ’ ಬಂತು. ಮೇಲಿನ ನಾಲ್ವರ ಲೆಕ್ಕ ಇದರಿಂದ ಇನ್ನಷ್ಟು ಹಗುರವಾಯಿತು. 2023ರಲ್ಲೇ ಆಟ ಹಿಂದಿಯಲ್ಲಿ ಲಭ್ಯವಾಯಿತು, ಕನ್ನಡ ಆ ಪಟ್ಟಿಗೆ ಸೇರಲಿಲ್ಲ.

ಆನ್‌ಲೈನ್ ಆಟಗಳ ಮೇಲಿನ ಕಾನೂನುಗಳನ್ನು ಕೆಲವು ಬರಹಗಳು ಇಲ್ಲಿಗೂ ಎಳೆಯುತ್ತವೆ. ಕರ್ನಾಟಕದ 2021ರ ಪೊಲೀಸ್ ಕಾಯ್ದೆ ತಿದ್ದುಪಡಿಯ ಆನ್‌ಲೈನ್ ಆಟದ ಅಂಶಗಳನ್ನು ಹೈಕೋರ್ಟ್ 2022ರ ಫೆಬ್ರುವರಿ 14ರಂದು ರದ್ದುಮಾಡಿತು. ಕೇಂದ್ರದ 2025ರ ಕಾಯ್ದೆ ನಿಷೇಧಿಸಿದ್ದು ಹಣ ಒಡ್ಡಿ ಹಣ ಗೆಲ್ಲುವ ಆಟಗಳನ್ನು. ರೇಡ್ ಪಾಸಿಗೆ ಹಣ ಕೊಟ್ಟರೂ ಮರಳಿ ಹಣ ಬರುವುದಿಲ್ಲ.

2024ರಿಂದೀಚೆಗೆ

2024ರ ಸೆಪ್ಟೆಂಬರ್‌ನಲ್ಲಿ ಜಿಮ್ ಹೊರಗೆ ‘ಪವರ್ ಸ್ಪಾಟ್’ಗಳಲ್ಲಿ ನಡೆಯುವ ಮ್ಯಾಕ್ಸ್ ಕಾಳಗಗಳು ಬಂದವು. ಇವಕ್ಕೆ ಬೇರೆಯೇ ಪೊಕೆಮಾನ್ ಬೇಕು, ಹಳೆಯ ಕೌಂಟರ್ ಸಾಕಣೆ ಇಲ್ಲಿ ನೇರವಾಗಿ ಉಪಯೋಗಕ್ಕೆ ಬರುವುದಿಲ್ಲ. ಸಾಮಾನ್ಯ ಕಾಳಗಕ್ಕೆ ನಾಲ್ವರು ಮಿತಿ. ಅಕ್ಟೋಬರ್ ಕೊನೆಯಲ್ಲಿ ಬಂದ, ದೈತ್ಯ ರೂಪದ ಬಾಸ್ ಎದುರಿನ ‘ಜೈಗ್ಯಾಂಟಮ್ಯಾಕ್ಸ್’ ಕಾಳಗಗಳಿಗೆ ಮಾತ್ರ 10ರಿಂದ 40 ಜನ ಒಂದೇ ಕಡೆ ನಿಲ್ಲಬೇಕೆಂದು ಕಂಪನಿ ಹೇಳಿತು, ಮೊದಲ ವಾರಾಂತ್ಯ ದೊಡ್ಡ ನಗರಗಳಲ್ಲೂ ಅನೇಕ ಗುಂಪುಗಳು ಸೋತವು. ತಾಲ್ಲೂಕು ಊರುಗಳ ಮಟ್ಟಿಗೆ 2017ರ ಲಾಬಿ ಸಮಸ್ಯೆ ಇಮ್ಮಡಿಯಾಗಿ ಮರಳಿತು. 2025ರ ಮಾರ್ಚ್ 12ರಂದು ನಯಾಂಟಿಕ್ ತನ್ನ ಆಟಗಳ ವಿಭಾಗವನ್ನು 350 ಕೋಟಿ ಡಾಲರಿಗೆ ಸ್ಕೋಪ್ಲಿ ಕಂಪನಿಗೆ ಮಾರುವುದಾಗಿ ಪ್ರಕಟಿಸಿತು. ಆ ಮೇ ಕೊನೆಯಲ್ಲಿ ಹಸ್ತಾಂತರ ಮುಗಿಯಿತು.