ತನ್ನ ಮೈ ತನಗೇ ಸೇರದಾಗ

ಅಮೆರಿಕ ದೇಶದ ವಯಸ್ಕ ಸ್ತ್ರೀಯರಲ್ಲಿ ತಮ್ಮ ಮೈಯ ವಿಷಯದಲ್ಲಿ ಅತೃಪ್ತಿಯುಳ್ಳವರು ನೂರಕ್ಕೆ ಎಷ್ಟು ಮಂದಿ ಎಂಬ ಪ್ರಶ್ನೆಯನ್ನು ಹಿಡಿದು, ಅಲ್ಲಿಯವರೆಗೆ ಪ್ರಕಟವಾಗಿದ್ದ ಅಧ್ಯಯನಗಳನ್ನು ಒಂದೆಡೆ ಕೂಡಿಸಿ ನೋಡಿದ ಕೆಲವು ಸಂಶೋಧಕರಿಗೆ 2014ರಲ್ಲಿ ದೊರೆತ ಉತ್ತರ ವಿಚಿತ್ರವಾಗಿತ್ತು: ಕಡಮೆಯೆಂದರೆ 11, ಹೆಚ್ಚೆಂದರೆ 72. ಪುರುಷರ ಲೆಕ್ಕದಲ್ಲಿಯೂ ಅಂತರವೇನೂ ಕಿರಿದಾಗಿರಲಿಲ್ಲ. 8ರಿಂದ ಮೊದಲ್ಗೊಂಡು 61ರವರೆಗೆ ಅದು ಹಬ್ಬಿತ್ತು. ಊರಿನಲ್ಲಿ ಚಳಿಜ್ವರ ಬಂದವರು ನೂರಕ್ಕೆ ಹನ್ನೊಂದು ಮಂದಿಯೂ ಇರಬಹುದು, ಎಪ್ಪತ್ತೆರಡು ಮಂದಿಯೂ ಇರಬಹುದು ಎಂದು ವೈದ್ಯನೊಬ್ಬ ವರದಿ ಒಪ್ಪಿಸಿದರೆ ಆತನ ನಾಡಿಪರೀಕ್ಷೆಯನ್ನು ಯಾರು ತಾನೆ ನಂಬಿಯಾರು? ಆದರೂ ಈ ಸಂಶೋಧಕರು ಎಣಿಕೆಯಲ್ಲಿ ತಪ್ಪಿದವರಲ್ಲ. ನಿಮ್ಮ ಮೈಕಟ್ಟು ನಿಮಗೆ ಒಪ್ಪಿಗೆಯೆ ಎಂದು ಒಬ್ಬರು ಕೇಳಿದ್ದರು. ಇನ್ನೂ ಸ್ವಲ್ಪ ತೆಳ್ಳಗಾಗಲು ಬಯಸುವಿರಾ ಎಂದು ಇನ್ನೊಬ್ಬರು. ಚಿತ್ರಗಳ ಸಾಲನ್ನು ಮುಂದಿಟ್ಟು ಆರಿಸಿಕೊಳ್ಳಿರೆಂದವರು ಮತ್ತೊಬ್ಬರು. ಕೇಳುವ ರೀತಿ ಬದಲಾದೊಡನೆ ಅತೃಪ್ತರ ಸಂಖ್ಯೆಯೂ ಬದಲಾಗುತ್ತದೆ. ಈ ಶಾಸ್ತ್ರದ ನೂರು ವರ್ಷಗಳ ಚರಿತ್ರೆಯನ್ನು ಪ್ರಶ್ನೆಗಳು ಬದಲಾದ ಚರಿತ್ರೆಯೆಂದೇ ಓದಬಹುದು. ಪರಿಹಾರವೆಂದು ಸೂಚಿತವಾದವುಗಳಲ್ಲಿ ಯಾವುದು ನಿಂತಿತು, ಯಾವುದು ಬಿದ್ದಿತು ಎಂಬುದೂ ಆ ಓದಿನಿಂದ ತಕ್ಕಮಟ್ಟಿಗೆ ತಿಳಿಯಬರುತ್ತದೆ.

ಮೊದಮೊದಲು ಪ್ರಶ್ನೆ ಕೇಳಿದವರಿಗೆ ಚೆಲುವಿನ ಗೊಡವೆಯೇ ಇರಲಿಲ್ಲ. ಹದಿನಾರನೆಯ ಶತಮಾನದ ಫ್ರೆಂಚ್ ಶಸ್ತ್ರವೈದ್ಯ ಆಂಬ್ರ್ವಾಸ್ ಪಾರೆ, ಯುದ್ಧದಲ್ಲಿ ಕಾಲು ಕಳೆದುಕೊಂಡ ಯೋಧರು ಇಲ್ಲದ ಕಾಲು ನೋಯುತ್ತಿದೆಯೆಂದು ದೂರುವುದನ್ನು ಬರೆದಿಟ್ಟಿದ್ದನು. ಅಮೆರಿಕದ ಅಂತರ್ಯುದ್ಧದ ಗಾಯಾಳುಗಳನ್ನು ಶುಶ್ರೂಷಿಸಿದ ಸೈಲಸ್ ವಿಯರ್ ಮಿಚೆಲ್ ಮೂರು ಶತಮಾನಗಳ ತರುವಾಯ ಅದೇ ಚೋದ್ಯವನ್ನು ವಿಸ್ತಾರವಾಗಿ ವರ್ಣಿಸಿದನು. 1911ರಲ್ಲಿ ಲಂಡನ್ನಿನ ನರತಜ್ಞರಾದ ಹೆನ್ರಿ ಹೆಡ್ ಮತ್ತು ಗಾರ್ಡನ್ ಹೋಮ್ಸ್, ಮಿದುಳು ತನ್ನೊಡಲಿನ ನಿಲವಿನ ನಕ್ಷೆಯೊಂದನ್ನು ಕ್ಷಣಕ್ಷಣವೂ ತಿದ್ದಿಕೊಳ್ಳುತ್ತಿರುತ್ತದೆಂದು ಪ್ರತಿಪಾದಿಸಿ, ಆ ನಕ್ಷೆಯ ಎಲ್ಲೆ ಚರ್ಮಕ್ಕೇ ಮುಗಿಯುವುದಿಲ್ಲವೆಂಬುದಕ್ಕೆ ಹೆಂಗಸೊಬ್ಬಳ ಟೋಪಿಯ ಗರಿಯನ್ನು ಉದಾಹರಿಸಿದರು. ಬಾಗಿಲು ದಾಟುವಾಗ ಗರಿ ತಾಗೀತೆಂದು ಆಕೆ ಯೋಚಿಸದೆಯೇ ತಲೆ ಬಾಗಿಸುತ್ತಾಳೆ. ನಮ್ಮ ಕಾಲದಲ್ಲಿ ತಮಿಳುನಾಡಿನಿಂದ ಹೋಗಿ ಕ್ಯಾಲಿಫೋರ್ನಿಯದಲ್ಲಿ ನೆಲಸಿದ ವಿ. ಎಸ್. ರಾಮಚಂದ್ರನ್ ಅವರು ಪೆಟ್ಟಿಗೆಯೊಂದರಲ್ಲಿ ಕನ್ನಡಿಯನ್ನು ನಿಲ್ಲಿಸಿ, ಉಳಿದ ಕೈಯ ಬಿಂಬವನ್ನು ಹೋದ ಕೈಯೆಂಬಂತೆ ತೋರಿಸಿ, ಇಲ್ಲದ ಅಂಗದ ನೋವಿಗೆ ಉಪಶಮನ ಹುಡುಕಿದುದು ಈ ಹಳೆಯ ಶಾಖೆಯ ಮುಂದುವರಿಕೆಯೇ. ನಮ್ಮ ವಿಷಯ ಕವಲೊಡೆಯುವುದು 1935ರಲ್ಲಿ. ವಿಯೆನ್ನಾದಿಂದ ನ್ಯೂಯಾರ್ಕಿಗೆ ಬಂದ ಪಾಲ್ ಶಿಲ್ಡರ್ ಆ ವರ್ಷ ಪ್ರಕಟಿಸಿದ ಗ್ರಂಥದಲ್ಲಿ, ಮನಸ್ಸಿನಲ್ಲಿರುವ ದೇಹಬಿಂಬವು ನರಗಳ ಸುದ್ದಿಯಿಂದ ಮಾತ್ರವೇ ಕಟ್ಟಲ್ಪಟ್ಟುದಲ್ಲವೆಂದೂ, ಆಸೆ, ನೆನಪು, ಹೆರವರ ನೋಟ ಇವೆಲ್ಲ ಅದರಲ್ಲಿ ಬೆರೆತಿರುತ್ತವೆಂದೂ ವಾದಿಸಿದನು. ಒಬ್ಬನ ದೇಹಬಿಂಬದಲ್ಲಿ ನೆರೆಯವನಿಗೂ ಪಾಲುಂಟೆಂಬ ಈ ಮಾತು ಆಗ ಅಷ್ಟಾಗಿ ಕಿವಿಗೆ ಬಿದ್ದಂತೆ ಕಾಣುವುದಿಲ್ಲ.

ಅಳತೆಗೋಲುಗಳು ಬಂದುದು ಎರಡನೆಯ ಮಹಾಯುದ್ಧದ ಅನಂತರ. 1953ರಲ್ಲಿ ಸೆಕಾರ್ಡ್ ಮತ್ತು ಜೂರಾರ್ಡ್ ಎಂಬ ಇಬ್ಬರು ಮನಶ್ಶಾಸ್ತ್ರಜ್ಞರು ಕೂದಲು, ಮೂಗು, ಸೊಂಟ, ಎತ್ತರ ಎಂದು ಅಂಗಾಂಗಗಳ ಪಟ್ಟಿ ಮಾಡಿ, ಒಂದೊಂದಕ್ಕೂ ಇಷ್ಟಾನಿಷ್ಟದ ಅಂಕ ಕೊಡುವಂತೆ ವಿದ್ಯಾರ್ಥಿಗಳನ್ನು ಕೇಳಿದರು. 1962ರಲ್ಲಿ ಹಿಲ್ಡೆ ಬ್ರುಕ್ ಎಂಬ ವೈದ್ಯೆ, ಅನ್ನ ಬಿಟ್ಟು ಎಲುಬಿನ ಗೂಡಾದ ಹುಡುಗಿಯರು ತಾವಿನ್ನೂ ದಪ್ಪಗಿರುವೆವೆಂದೇ ಹಟ ಹಿಡಿಯುವುದನ್ನು ವಿವರಿಸಿ, ರೋಗದ ಬೇರು ಹಸಿವಿನಲ್ಲಿಲ್ಲ, ದೇಹಬಿಂಬದ ವಿಕಾರದಲ್ಲಿದೆ ಎಂದಳು. ಇದರ ಪರೀಕ್ಷೆಗೆಂದು 1973ರಲ್ಲಿ ಸ್ಲೇಡ್ ಮತ್ತು ರಸಲ್ ಎಂಬವರು ಕತ್ತಲಕೋಣೆಯಲ್ಲಿ ಸರಿದಾಡುವ ಎರಡು ದೀಪಗಳನ್ನಿಟ್ಟು, ನಿನ್ನ ಸೊಂಟದ ಅಗಲ ಎಷ್ಟೋ ಅಷ್ಟು ದೂರಕ್ಕೆ ಇವು ಬಂದಾಗ ಹೇಳು ಎಂದು ರೋಗಿಗಳನ್ನು ಕೇಳಿದರು. ಅವರು ಇದ್ದುದಕ್ಕಿಂತ ಬಹಳ ಹೆಚ್ಚು ಹೇಳಿದರು. ಮುಂದಿನ ವರ್ಷಗಳಲ್ಲಿ ಇಂಥದೇ ಪ್ರಯೋಗಗಳನ್ನು ಆರೋಗ್ಯವಂತ ಸ್ತ್ರೀಯರ ಮೇಲೆ ಮಾಡಿದವರಿಗೆ, ಅವರೂ ತಮ್ಮ ಅಗಲವನ್ನು ಹೆಚ್ಚಿಸಿಯೇ ಹೇಳುವುದು ಕಂಡಿತು. ರೋಗಿಯನ್ನು ಹುಡುಕಿಕೊಂಡು ಹೊರಟವರು ನೆರೆಮನೆಯ ಬಾಗಿಲಿಗೇ ಬಂದು ನಿಂತರು.

ಆ ಕಾಲದ ಪ್ರಯೋಗಗಳಲ್ಲಿ ಹತ್ತಿರದಿಂದ ನೋಡತಕ್ಕದ್ದು ಒಂಬತ್ತು ಚಿತ್ರಗಳ ಪ್ರಯೋಗ. ಬೊಜ್ಜು ವಂಶದಿಂದ ಬರುತ್ತದೆಯೋ ಸಾಕಿದ ಮನೆಯಿಂದ ಬರುತ್ತದೆಯೋ ಎಂದು ಡೆನ್ಮಾರ್ಕಿನ ದತ್ತುಮಕ್ಕಳಲ್ಲಿ ಪರಿಶೀಲಿಸುತ್ತಿದ್ದ ಸ್ಟಂಕರ್ಡ್ ಮತ್ತು ಸಂಗಡಿಗರು, ತಂದೆತಾಯಿಗಳ ಮೈಕಟ್ಟು ಹೇಗಿತ್ತೆಂದು ಕೇಳುವ ಸಲುವಾಗಿ, ತೀರ ಸಣಕಲಿನಿಂದ ತೀರ ಸ್ಥೂಲದವರೆಗೆ ಒಂಬತ್ತು ಗಂಡು, ಒಂಬತ್ತು ಹೆಣ್ಣು ರೇಖಾಚಿತ್ರಗಳನ್ನು ಸಿದ್ಧಗೊಳಿಸಿ 1983ರಲ್ಲಿ ಪ್ರಕಟಿಸಿದರು. ಎರಡು ವರ್ಷಗಳಲ್ಲಿ ಫ್ಯಾಲನ್ ಮತ್ತು ರೋಜಿನ್ ಎಂಬವರು ಅವನ್ನೇ ಕಾಲೇಜು ವಿದ್ಯಾರ್ಥಿಗಳ ಮುಂದಿಟ್ಟು ಕೇಳಿದರು: ಈಗ ನೀವು ಇರುವುದು ಯಾವುದು, ಆಗಬೇಕೆಂದಿರುವುದು ಯಾವುದು, ಎದುರು ಲಿಂಗದವರು ಮೆಚ್ಚುವರೆಂದು ನೀವೆಣಿಸುವುದು ಯಾವುದು. ಗಂಡುಹುಡುಗರ ಮೂರು ಉತ್ತರಗಳೂ ಹೆಚ್ಚುಕಡಮೆ ಒಂದೇ ಚಿತ್ರದ ಬಳಿ ಬಂದು ಕೂಡಿದುವು. ಹುಡುಗಿಯರದು ಬೇರೆ ಬೇರೆ: ಇರುವ ಮೈ ಎಲ್ಲಕ್ಕಿಂತ ದಪ್ಪ, ಗಂಡಸರು ಮೆಚ್ಚುವರೆಂದು ತಿಳಿದುದು ಅದಕ್ಕಿಂತ ತೆಳ್ಳಗೆ, ತಾವು ಆಗಬೇಕೆಂದಿದ್ದುದು ಅದಕ್ಕಿಂತಲೂ ತೆಳ್ಳಗೆ. ಇಷ್ಟೂ ಸಾಲದೆಂಬಂತೆ, ಗಂಡಸರು ನಿಜವಾಗಿ ಮೆಚ್ಚಿ ತೋರಿದ ಚಿತ್ರ ಈ ಹುಡುಗಿಯರು ಊಹಿಸಿದುದಕ್ಕಿಂತ ದಪ್ಪಗಿತ್ತು. ಯಾರೂ ಕೇಳದ ತೆರಿಗೆಯನ್ನು ಆ ಹೆಣ್ಣುಮಕ್ಕಳು ತಾವಾಗಿಯೇ ಕಟ್ಟುತ್ತಿದ್ದರು.

ಇದೇ ಹೊತ್ತಿಗೆ, 1984ರಲ್ಲಿ, ಜೂಡಿತ್ ರೋಡಿನ್ ಮತ್ತು ಆಕೆಯ ಇಬ್ಬರು ಸಹೋದ್ಯೋಗಿಗಳು ತೂಕದ ಬಗೆಗಿನ ಅತೃಪ್ತಿಯು ಸ್ತ್ರೀಯರಲ್ಲಿ ಅಪವಾದವಾಗಿ ಉಳಿದಿಲ್ಲ, ವಾಡಿಕೆಯೇ ಆಗಿದೆ ಎಂದು ಹೇಳಿದರು. 'ಸೈಕಾಲಜಿ ಟುಡೇ' ಪತ್ರಿಕೆ ತನ್ನ ಓದುಗರಲ್ಲಿ ನಡೆಸಿದ ಮೂರು ವಿಚಾರಣೆಗಳು ಇದಕ್ಕೆ ಪುಷ್ಟಿಕೊಟ್ಟಂತೆ ತೋರಿದುವು: ತಮ್ಮ ಒಟ್ಟಾರೆ ರೂಪದ ಬಗ್ಗೆ ಅತೃಪ್ತರಾದ ಸ್ತ್ರೀಯರು 1972ರಲ್ಲಿ ನೂರಕ್ಕೆ 23, 1985ರಲ್ಲಿ 38, 1996ರ ವಿಚಾರಣೆಯಲ್ಲಿ 56, ಪುರುಷರು 15, 34, 43. ಈ ಅಂಕಿಗಳು ಎಷ್ಟೋ ಪುಸ್ತಕಗಳ ಮೊದಲ ಪುಟವನ್ನು ಅಲಂಕರಿಸಿವೆ. ಆದರೆ ಈ ಓದುಗರು ಚೀಟಿ ಎತ್ತಿ ಆರಿಸಲ್ಪಟ್ಟವರಲ್ಲ. ಪತ್ರಿಕೆ ಕೊಂಡು, ಪ್ರಶ್ನಾವಳಿಯನ್ನು ಕತ್ತರಿಸಿ, ತುಂಬಿ, ಅಂಚೆಗೆ ಹಾಕುವಷ್ಟು ಆಸ್ಥೆಯಿದ್ದವರು, ಎಂದರೆ ಈ ವಿಷಯ ಮನಸ್ಸನ್ನು ಕೊರೆಯುತ್ತಿದ್ದವರು. ಏರುತ್ತಲೇ ಇರುವ ರೇಖೆಯೆಂಬ ನಂಬಿಕೆಗೆ ಮುಂದೆ ಪೆಟ್ಟೂ ಬಿದ್ದಿತು. ಒಂದೇ ವಿಶ್ವವಿದ್ಯಾಲಯದ ವಿದ್ಯಾರ್ಥಿಗಳನ್ನು 1983ರಿಂದ 2001ರವರೆಗೆ ನೋಡಿದ ಥಾಮಸ್ ಕ್ಯಾಶ್, ತೊಂಬತ್ತರ ದಶಕದ ನಡುವಿನಿಂದೀಚೆಗೆ ಹುಡುಗಿಯರ ಅತೃಪ್ತಿ ಸ್ವಲ್ಪ ಇಳಿದುದನ್ನು ಕಂಡನು; 2017ರ ವಿಶಾಲವಾದ ಸಮೀಕ್ಷೆಯೊಂದು, ತೆಳ್ಳಗಾಗಬೇಕೆಂಬ ಹಂಬಲದ ಅತೃಪ್ತಿ ಸ್ತ್ರೀಯರಲ್ಲಿ ಮೂರು ದಶಕಗಳಲ್ಲಿ ಕ್ರಮೇಣ ತಗ್ಗಿದುದನ್ನು ತೋರಿಸಿತು. ಆಸ್ಟ್ರೇಲಿಯದ ಮಾರಿಕಾ ಟಿಗ್ಗಮನ್ ಅವರದು ನನಗೆ ಇವೆಲ್ಲಕ್ಕಿಂತ ಹೆಚ್ಚು ಬೆಲೆಯುಳ್ಳದ್ದಾಗಿ ತೋರುವ ಮಾತು: ವಯಸ್ಸು ಏರಿದಂತೆ ಹೆಂಗಸರ ಅತೃಪ್ತಿ ಅಷ್ಟೇನೂ ಕುಗ್ಗುವುದಿಲ್ಲ, ಆದರೆ ಅದಕ್ಕೆ ಅವರು ಕೊಡುವ ಪ್ರಾಮುಖ್ಯ ಕುಗ್ಗುತ್ತದೆ. ಎಷ್ಟು ಮಂದಿಗೆ ಅತೃಪ್ತಿಯಿದೆಯೆಂದು ಎಣಿಸುವವರು, ಆ ಅತೃಪ್ತಿ ಅವರ ದಿನದಲ್ಲಿ ಎಷ್ಟು ಜಾಗ ಹಿಡಿದಿದೆಯೆಂದು ಕೇಳುವುದನ್ನು ಸಾಮಾನ್ಯವಾಗಿ ಮರೆತಿದ್ದರು.

ಅಲ್ಪಸ್ವಲ್ಪ ಅತೃಪ್ತಿ ಇರುವುದೇ ಒಳ್ಳೆಯದು, ಅದರಿಂದಲಾದರೂ ಜನ ಮೈಬಗ್ಗಿಸಿ ನಡೆದಾರು ಎಂಬ ವಾದವನ್ನು ವೈದ್ಯರ ಬಾಯಿಂದಲೂ ಕೇಳುವುದುಂಟು. ಮಿನ್ನೆಸೋಟದ ಡಯಾನ್ ನ್ಯೂಮಾರ್ಕ್-ಸ್ಟೈನರ್ ಹದಿಹರೆಯದವರನ್ನು ಐದು ವರ್ಷ ಹಿಂಬಾಲಿಸಿ 2006ರಲ್ಲಿ ಕೊಟ್ಟ ಫಲಿತಾಂಶ ಈ ವಾದವನ್ನು ನಿಲ್ಲಗೊಡುವುದಿಲ್ಲ: ತಮ್ಮ ಮೈಯನ್ನು ಹಳಿದುಕೊಂಡ ಹುಡುಗಿಯರು ಮುಂದೆ ಹೆಚ್ಚು ಪಥ್ಯ ಹಿಡಿದರು, ಹೆಚ್ಚು ಮುಕ್ಕಿದರು, ಕಡಮೆ ಆಟವಾಡಿದರು.

ಕಾರಣವನ್ನು ಹುಡುಕುವ ಕೆಲಸದಲ್ಲಿ ಎಲ್ಲರೂ ಹಿಂದಿರುಗಿ ಹೋಗುವುದು ಲಿಯಾನ್ ಫೆಸ್ಟಿಂಗರ್ 1954ರಲ್ಲಿ ಮಂಡಿಸಿದ ಸಿದ್ಧಾಂತಕ್ಕೆ. ಖಚಿತವಾದ ಅಳತೆ ಇಲ್ಲದ ಕಡೆ ಮನುಷ್ಯ ತನ್ನನ್ನು ಪಕ್ಕದವನೊಡನೆ ಹೋಲಿಸಿಯೇ ಅಳೆದುಕೊಳ್ಳುತ್ತಾನೆಂಬುದು ಅದರ ಸಾರ. ಇದರ ಮೇಲೆ ಕೆವಿನ್ ಥಾಂಪ್ಸನ್ 1999ರಲ್ಲಿ ಗೆಳೆಯರು, ಹೆತ್ತವರು, ಮಾಧ್ಯಮ ಎಂಬ ಮೂರು ಕಂಬಗಳ ಚೌಕಟ್ಟನ್ನು ಎತ್ತಿದನು. ಮೂರನೆಯ ಕಂಬದ ಪರೀಕ್ಷೆಗೆ ದೊರೆತ ಅಪೂರ್ವ ಸ್ಥಳವೆಂದರೆ ಶಾಂತಸಾಗರದ ಫಿಜಿ. ಅಲ್ಲಿಯ ನದ್ರೋಗ ಪ್ರಾಂತದಲ್ಲಿ ತುಂಬಿದ ಮೈ ಮನ್ನಣೆಯ ಕುರುಹು. ಯಾರಾದರೂ ಸೊರಗಿದರೆ ಅವರನ್ನು ನೆಂಟರಿಷ್ಟರು ಸರಿಯಾಗಿ ನೋಡಿಕೊಳ್ಳುತ್ತಿಲ್ಲವೆಂಬ ಅಪವಾದ ಬರುತ್ತಿತ್ತು, ಊಟ ಸೇರದಿರುವುದನ್ನು ರೋಗವೆಂದು ಭಾವಿಸಿ ಮದ್ದು ಕುಡಿಸುತ್ತಿದ್ದರು. ಅಲ್ಲಿಗೆ ದೂರದರ್ಶನ ಬಂದುದು 1995ರಲ್ಲಿ. ಹಾರ್ವರ್ಡಿನ ಆ್ಯನ್ ಬೆಕರ್ ಎಂಬ ವೈದ್ಯೆ, ಆ ಪೆಟ್ಟಿಗೆ ಬಂದ ಕೆಲವು ವಾರಗಳಲ್ಲಿ ಒಮ್ಮೆ, 1998ರಲ್ಲಿ ಮತ್ತೊಮ್ಮೆ, ಶಾಲೆಯ ಹುಡುಗಿಯರನ್ನು ಪ್ರಶ್ನಿಸಿದಳು. ಆಹಾರದ ವಿಕಾರಗಳನ್ನು ಸೂಚಿಸುವ ಅಂಕ ಪಡೆದವರು ನೂರಕ್ಕೆ 12.7ರಿಂದ 29.2ಕ್ಕೆ ಏರಿದ್ದರು, ತೂಕ ಇಳಿಸಲೆಂದು ಬೇಕೆಂದೇ ವಾಂತಿ ಮಾಡಿಕೊಳ್ಳುವವರು ಮೊದಲು ಒಬ್ಬರೂ ಇರಲಿಲ್ಲ, ಈಗ ನೂರಕ್ಕೆ 11.3 ಮಂದಿ. ಎರಡು ಸಲ ಕೇಳಿದುದು ಬೇರೆಬೇರೆ ಹುಡುಗಿಯರನ್ನು. ಪ್ರತಿಸಲವೂ ಅವರು ಅರುವತ್ತು ಚಿಲ್ಲರೆ ಮಂದಿ ಮಾತ್ರ. ಆ ಮೂರು ವರ್ಷಗಳಲ್ಲಿ ಫಿಜಿಯಲ್ಲಿ ಬದಲಾದುದು ದೂರದರ್ಶನವೊಂದೇ ಎಂದು ಆಣೆಯಿಟ್ಟು ಹೇಳುವಂತೆಯೂ ಇಲ್ಲ. ಹುಡುಗಿಯರು ಆಡಿದ ಮಾತುಗಳು ಮಾತ್ರ ಗಮನಾರ್ಹ: ಪರದೆಯ ಮೇಲಿನ ಹೆಂಗಸರಂತೆ ತೆಳ್ಳಗಾದರೆ ಅವರಂತೆ ಉದ್ಯೋಗವೂ ಸಿಕ್ಕೀತು ಎಂಬ ಆಸೆಯನ್ನು ಕೆಲವರು ತೋಡಿಕೊಂಡರು. ಆ ಆಸೆಯ ವಸ್ತು ಚೆಲುವೊಂದೇ ಆಗಿರಲಿಲ್ಲ. ಬೆಕರ್ ಬಳಗದವರೇ 2011ರಲ್ಲಿ ಪ್ರಕಟಿಸಿದ ಇನ್ನೊಂದು ಅಧ್ಯಯನ ಇದಕ್ಕಿಂತ ಸೂಕ್ಷ್ಮವಾದುದು; ಹುಡುಗಿ ತಾನು ಎಷ್ಟು ಟಿ.ವಿ. ನೋಡುತ್ತಾಳೆಂಬುದಕ್ಕಿಂತ ಅವಳ ಗೆಳತಿಯರ ಬಳಗ ಎಷ್ಟು ನೋಡುತ್ತದೆಂಬುದೇ ಅವಳ ವಿಕಾರಗಳೊಡನೆ ಹೆಚ್ಚು ಹೊಂದಿಕೊಂಡಿತ್ತು. ಶಿಲ್ಡರನ ನೆರೆಯವನು ಇಲ್ಲಿ ಮತ್ತೆ ಕಾಣಿಸಿಕೊಳ್ಳುತ್ತಾನೆ.

ಗಂಡಸರ ಅತೃಪ್ತಿ ಬಹುಕಾಲ ಲೆಕ್ಕಕ್ಕೆ ಸಿಗದೆ ಉಳಿದುದಕ್ಕೆ ಪ್ರಶ್ನೆಗಳ ಓರೆಯೇ ಕಾರಣ. ಅತೃಪ್ತರಾದ ಗಂಡಸರಲ್ಲಿ ಸುಮಾರು ಅರ್ಧ ಮಂದಿ ಕರಗಬೇಕೆನ್ನುತ್ತಾರೆ, ಉಳಿದವರು ಉಬ್ಬಬೇಕೆನ್ನುತ್ತಾರೆ. ಸರಾಸರಿ ತೆಗೆದರೆ ಎಲ್ಲರೂ ಸಂತೃಪ್ತರಂತೆ ತೋರುತ್ತಾರೆ. ತೊಂಬತ್ತರ ದಶಕದಲ್ಲಿ ಹ್ಯಾರಿಸನ್ ಪೋಪ್ ಎಂಬ ವೈದ್ಯನು ಜಿಮ್ಮುಗಳಲ್ಲಿ ಹೊತ್ತುಗಳೆಯುವ, ಹುರಿಗಟ್ಟಿದ ಮೈಯಿದ್ದೂ ತಾನು ಬಡಕಲೆಂದು ಅಂಗಿಯ ಮೇಲಂಗಿ ತೊಟ್ಟು ಮುಚ್ಚಿಕೊಳ್ಳುವ ತರುಣರನ್ನು ವರ್ಣಿಸಿದ ಮೇಲೆಯೇ ಈ ದಿಕ್ಕಿಗೆ ಕಣ್ಣು ತಿರುಗಿತು.

ಇನ್ನು ಪರಿಹಾರ. ಚಿತ್ರಗಳನ್ನು ತಿದ್ದಲಾಗಿದೆಯೆಂದು ಅವುಗಳ ಮೇಲೆ ಚೀಟಿ ಹಚ್ಚಬೇಕೆಂಬ ಕಾನೂನನ್ನು ಇಸ್ರೇಲ್ 2012ರಲ್ಲಿ ಮಾಡಿತು, ಫ್ರಾನ್ಸ್ 2017ರಲ್ಲಿ ಜಾರಿಗೆ ತಂದಿತು, ನಾರ್ವೆ 2022ರಲ್ಲಿ. ಉದ್ದೇಶ ಸಾಧುವಾದುದೇ, ಆದರೆ ಪ್ರಯೋಗಶಾಲೆಯಲ್ಲಿ ನೋಡಿದಾಗ, ಚೀಟಿ ಓದಿದವರ ಅತೃಪ್ತಿ ಓದದವರದಕ್ಕಿಂತ ಕಡಮೆಯಾಗಿರಲಿಲ್ಲ. ಚಿತ್ರ ಸುಳ್ಳೆಂದು ಬಲ್ಲವನೂ ಅದರೊಡನೆ ತನ್ನನ್ನು ಹೋಲಿಸಿಕೊಳ್ಳದೆ ಬಿಡನು. ಹಿತವಚನದ ಭಾಷಣಗಳ ಗತಿಯೂ ಹೆಚ್ಚುಕಡಮೆ ಇದೇ. ಇವಕ್ಕೆ ವ್ಯತಿರಿಕ್ತವಾಗಿ, ಎರಿಕ್ ಸ್ಟೈಸ್ 2000ದ ಸುಮಾರಿಗೆ ಆರಂಭಿಸಿದ 'ಬಾಡಿ ಪ್ರಾಜೆಕ್ಟ್' ಎಂಬ ಕ್ರಮದಲ್ಲಿ ಬೋಧಿಸುವವರೇ ಇಲ್ಲ. ತಮ್ಮ ಮೈ ಸೇರದ ಆರೆಂಟು ಹುಡುಗಿಯರು ದುಂಡಗೆ ಕುಳಿತು, ತೆಳ್ಳಗಿನ ಆದರ್ಶಕ್ಕಾಗಿ ತೆರಬೇಕಾದ ಬೆಲೆಯನ್ನು ತಾವೇ ಎಣಿಸುತ್ತಾರೆ. ಆ ಹಂಬಲಕ್ಕೆ ಬಿದ್ದ ಕಿರಿಯಳೊಬ್ಬಳಿಗೆ ಬುದ್ಧಿಹೇಳಿ ಕಾಗದ ಬರೆಯುತ್ತಾರೆ. ಮನೆಯಲ್ಲಿ ಕನ್ನಡಿಯ ಮುಂದೆ ನಿಂತು ತಮಗೆ ಒಪ್ಪಿಗೆಯಾದ ಗುಣಗಳನ್ನು ಪಟ್ಟಿಮಾಡಿಕೊಂಡು ಬರುತ್ತಾರೆ. ತಾನು ಒಳಗೊಳಗೇ ನಂಬಿದುದನ್ನು ನಾಲ್ವರ ಎದುರು ಖಂಡಿಸಿದವಳಿಗೆ ಆ ನಂಬಿಕೆಯನ್ನು ಹಳೆಯ ಭದ್ರತೆಯಲ್ಲಿ ಕಾಪಾಡಿಕೊಳ್ಳುವುದು ಕಷ್ಟವಾಗುತ್ತದೆ. ಆಡಿದ ಮಾತಿಗೂ ನಂಬಿಕೆಗೂ ಹೊಂದದಿದ್ದಾಗ ನಂಬಿಕೆಯೇ ಸರಿಯುತ್ತದೆಂಬ ಈ ತತ್ತ್ವವನ್ನು 1957ರಲ್ಲಿ ಮಂಡಿಸಿದವನೂ ಅದೇ ಫೆಸ್ಟಿಂಗರ್. ವ್ಯಾಧಿಯ ನಿದಾನವನ್ನು ಕೊಟ್ಟವನಿಂದಲೇ ಮದ್ದೂ ಬಂದಿತು. ಸ್ಟೈಸ್ ಬಳಗದವರ ಪರೀಕ್ಷೆಯಲ್ಲಿ, ಬರಿಯ ಪ್ರಶ್ನಾವಳಿ ತುಂಬಿ ಹೋದವರಿಗೆ ಹೋಲಿಸಿದರೆ, ಇದರಲ್ಲಿ ಪಾಲ್ಗೊಂಡವರು ಮೂರು ವರ್ಷಗಳಲ್ಲಿ ಆಹಾರವಿಕಾರಕ್ಕೆ ಬೀಳುವ ಸಂಭವ ನೂರಕ್ಕೆ 60ರಷ್ಟು ತಗ್ಗಿತ್ತು. ಕಾಲೇಜು ವಿದ್ಯಾರ್ಥಿನಿಯರೇ ತರಬೇತಾಗಿ ಇದನ್ನು ನಡೆಸಬಲ್ಲರೆಂದು ಕ್ಯಾರೊಲಿನ್ ಬೆಕರ್ ಎಂಬ ಇನ್ನೊಬ್ಬ ಸಂಶೋಧಕಿ ತೋರಿಸಿದಳು.

ಬೇರೆ ದಾರಿಗಳೂ ಉಂಟು. ಅತೃಪ್ತಿಯ ಯೋಚನೆಗಳನ್ನು ಒಂದೊಂದಾಗಿ ಹಿಡಿದು ವಿಚಾರಿಸುವ ಚಿಕಿತ್ಸೆಯನ್ನು ಕ್ಯಾಶ್ ರೂಪಿಸಿದನು. ಕಾಲು ನಡೆಯುತ್ತದೆ, ಕೈ ಮಗುವನ್ನೆತ್ತುತ್ತದೆ ಎಂದು ಮೈಯ ಕೆಲಸವನ್ನು ಕುರಿತು ಹದಿನೈದು ನಿಮಿಷದಂತೆ ಮೂರು ಸಲ ಬರೆಯಿಸಿ ಜೆಸಿಕಾ ಅಲೇವ ಒಳ್ಳೆಯ ಫಲ ಕಂಡಳು. ಆದರೆ ಇಂತಹ 62 ಪರೀಕ್ಷೆಗಳನ್ನು ತೂಗಿ ನೋಡಿ, ಪಕ್ಷಪಾತವನ್ನು ಕಳೆದರೆ ಉಳಿಯುವ ಲಾಭ ನಂಬತಕ್ಕದ್ದೇ ಆದರೂ ಸಣ್ಣದೆಂದು 2015ರಲ್ಲಿ ಬರೆದವಳೂ ಅವಳೇ. ಈ ಪ್ರಾಮಾಣಿಕತೆ ಎಲ್ಲ ಶಾಸ್ತ್ರಗಳಲ್ಲಿಯೂ ಸುಲಭವಾಗಿ ಸಿಗುವಂಥದಲ್ಲ. 2023ರಲ್ಲಿ ಕೆನಡದಿಂದ ಬಂದ ವರದಿ, ಫೋನಿನಲ್ಲಿ ಸಾಮಾಜಿಕ ಜಾಲತಾಣಗಳ ಬಳಕೆಯನ್ನು ಮೂರು ವಾರ ಅರ್ಧಕ್ಕಿಳಿಸಿದ ತರುಣ ತರುಣಿಯರಿಗೆ ತಮ್ಮ ರೂಪದ ಬಗ್ಗೆ ಮೊದಲಿಗಿಂತ ಸಮಾಧಾನವಾದುದನ್ನು ತಿಳಿಸಿತು. ಅತೃಪ್ತಿ ಗೀಳಾಗಿ, ಇಲ್ಲದ ಕುಂದನ್ನು ದಿನಕ್ಕೆ ಗಂಟೆಗಟ್ಟಲೆ ನೋಡಿಕೊಳ್ಳುವ ಮಟ್ಟಕ್ಕೆ ಹೋದವರ ಮಾತು ಬೇರೆ. ಇಟಲಿಯ ಮೊರ್ಸೆಲ್ಲಿ 1891ರಲ್ಲಿಯೇ ಗುರುತಿಸಿದ ಆ ವ್ಯಾಧಿಗೆ ಮನೋವೈದ್ಯರ ಚಿಕಿತ್ಸೆಯೂ ಔಷಧಿಯೂ ಬೇಕು, ಮೂಗು ತಿದ್ದುವ ಶಸ್ತ್ರಕ್ರಿಯೆಯಿಂದ ಅಂಥವರಿಗೆ ನೆಮ್ಮದಿ ಸಿಗುವುದು ಅಪರೂಪ.

ನಮ್ಮ ಕಡೆಗೆ ಬಂದರೆ, ಹೊರಗಿನ ಅಳತೆಗೋಲುಗಳಲ್ಲಿ ಬಹುಪಾಲು ತೂಕವನ್ನೇ ಕೇಳುತ್ತವೆ. ಇಲ್ಲಿಯ ಅತೃಪ್ತಿಯ ದೊಡ್ಡ ಪಾಲು ಮೈಬಣ್ಣದ್ದು. 'ಫೇರ್ ಅಂಡ್ ಲವ್ಲಿ' ಮಾರುಕಟ್ಟೆಗೆ ಬಂದುದು 1975ರಲ್ಲಿ. ಕಪ್ಪು ಮೈಯವರನ್ನು ಕೀಳಾಗಿ ತೋರುವ ಜಾಹೀರಾತು ಕೂಡದೆಂದು ಜಾಹೀರಾತುದಾರರ ಮಂಡಳಿಯೇ ನಿಯಮ ಮಾಡಿದುದು 2014ರಲ್ಲಿ. ಆ ಕ್ರೀಮಿನ ಹೆಸರಿನಿಂದ 'ಫೇರ್' ಬಿದ್ದುಹೋದುದು 2020ರಲ್ಲಿ. ಅದನ್ನು ಮಾರುವ ಯೂನಿಲಿವರ್ ಕಂಪನಿಯೇ 'ಡವ್' ಸೋಪಿನ ಹೆಸರಿನಲ್ಲಿ 2004ರಿಂದ ಸಹಜ ಸೌಂದರ್ಯದ ಪ್ರಚಾರ ನಡೆಸುತ್ತ, ಶಾಲಾಮಕ್ಕಳಿಗೆ ಆತ್ಮಗೌರವದ ಪಾಠಗಳನ್ನೂ ಹಂಚುತ್ತಿದೆ. ಚೆನ್ನೈಯ ಕವಿತಾ ಇಮ್ಯಾನುಯೆಲ್ 2009ರಲ್ಲಿ ಕಪ್ಪೂ ಚೆಲುವೇ ಎಂಬ ಚಳವಳಿ ಹೂಡಿದರು. ಇಷ್ಟಾಗಿಯೂ ಬೆಳ್ಳಗಿನ ಕನ್ಯೆಯನ್ನು ಬೇಡುವ ವಧೂವರರ ಅಂಕಣ ನಿಂತಿಲ್ಲ. ಫಿಜಿಯಲ್ಲಿದ್ದಂತೆಯೇ ನಮ್ಮಲ್ಲಿಯೂ ಇನ್ನೊಬ್ಬರ ಮೈಯ ಮಾತೆತ್ತುವುದು ಕುಶಲ ಕೇಳುವ ಒಂದು ಬಗೆ, ಮದುವೆಮನೆಯಲ್ಲಿ ಕಂಡ ಹುಡುಗಿಗೆ, "ಏನೇ, ಹೀಗೆ ಸೊರಗಿ ಕಪ್ಪಾಗಿದೀಯಲ್ಲೇ, ಹಾಸ್ಟೆಲ್ಲಲ್ಲಿ ಅನ್ನ ಹಾಕಲ್ವಾ?" ಎನ್ನುವ ಅತ್ತೆಯ ಮನಸ್ಸಿನಲ್ಲಿ ಕೇಡೇನೂ ಇರುವುದಿಲ್ಲ, ಆದರೂ ಮಾತು ಹುಡುಗಿಯ ಸಂಗಡ ಮನೆಗೆ ಹೋಗುತ್ತದೆ. ಸ್ಟೈಸನ ಕ್ರಮವನ್ನು ನಮ್ಮ ಹಾಸನದಲ್ಲಿಯೋ ಹುಬ್ಬಳ್ಳಿಯಲ್ಲಿಯೋ ನಡೆಸಲು ಹೊರಡುವವರು, ಹುಡುಗಿಯರ ಆ ವರ್ತುಲದಲ್ಲಿ ಒಬ್ಬಿಬ್ಬರು ಸೋದರತ್ತೆಯರನ್ನೂ ಕೂರಿಸಿ, ಅವರ ಬಾಯಿಂದಲೇ ವಾದ ಮಾಡಿಸಬೇಕಾದೀತು.