ಕಟ್ಟಡದ ವ್ಯಾಜ್ಯಗಳೂ ಮಧ್ಯಂತರ ಆಜ್ಞೆಯ ಮೇಲಣ ಅಪೀಲೂ

1891ರಲ್ಲಿ ಇಂಗ್ಲೆಂಡಿನ ಅಪೀಲು ನ್ಯಾಯಾಲಯದ ಮುಂದೆ ಡೇನಿಯಲ್ ಮತ್ತು ಫರ್ಗ್ಯುಸನ್ ಎಂಬವರ ವ್ಯಾಜ್ಯವೊಂದು ಬಂದಿತು. ಪ್ರತಿವಾದಿಯ ಹೊಸ ಕಟ್ಟಡದಿಂದ ತನ್ನ ಮನೆಯ ಬೆಳಕಿಗೆ ತಡೆಯಾಗುವುದೆಂಬುದು ವಾದಿಯ ಆಕ್ಷೇಪ. ತಡೆಯಾಜ್ಞೆಗೆ ಅರ್ಜಿ ಬರಲಿದೆಯೆಂಬ ನೋಟೀಸು ಕೈಸೇರಿದೊಡನೆ ಪ್ರತಿವಾದಿಯು ಆಳುಗಳ ಗುಂಪನ್ನೇ ಹಚ್ಚಿ, ಆಜ್ಞೆಯ ಸುದ್ದಿ ಮುಟ್ಟುವಷ್ಟರಲ್ಲಿ ಗೋಡೆಯನ್ನು 39 ಅಡಿ ಏರಿಸಿಬಿಟ್ಟನು. ಮೂಲ ವಿವಾದದಲ್ಲಿ ಕಡೆಗೆ ಯಾರೇ ಗೆಲ್ಲಲಿ, ನ್ಯಾಯಾಲಯವನ್ನು ಹಿಂದಿಕ್ಕಿ ಎದ್ದ ಆ ಗೋಡೆ ಮೊದಲು ಇಳಿಯಬೇಕೆಂಬ ಕೆಳಗಿನ ನ್ಯಾಯಾಧೀಶರ ಆಜ್ಞೆಯನ್ನು ಅಪೀಲು ನ್ಯಾಯಾಲಯವು ಎತ್ತಿಹಿಡಿಯಿತು.

ನಮ್ಮಲ್ಲಿ 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೆಯ ಆದೇಶ (ಅಂಕಿಯ ಸಾಮ್ಯ ಕೇವಲ ಕಾಕತಾಳೀಯ) ಇಂಥ ತಡೆಯಾಜ್ಞೆಗೆ ಆಧಾರ. 43ನೆಯದು ಅದರ ಮೇಲೆ ಅಪೀಲಿನ ಹಕ್ಕು ಕೊಡುತ್ತದೆ. ಆದರೆ ಮೇಲಿನ ನ್ಯಾಯಾಲಯವು ಎಷ್ಟರಮಟ್ಟಿಗೆ ಕೈ ಹಾಕಬಹುದು?

ಈ ಪ್ರಶ್ನೆಗೆ ದೊರೆತ ಉತ್ತರದಲ್ಲಿ ಬೆಂಗಳೂರಿನ ಪಾಲೂ ಇದೆಯೆಂಬುದು ನಮ್ಮವರಲ್ಲಿ ಅನೇಕರಿಗೆ ತಿಳಿಯದು. 'ಡೆಕ್ಕನ್ ಹೆರಾಲ್ಡ್' ಪತ್ರಿಕೆಯ ಒಡೆತನದ ಸಂಸ್ಥೆಗೂ ಅದರ ಸಂಪಾದಕರಾಗಿದ್ದ ಪೋತನ್ ಜೋಸೆಫರಿಗೂ ನಡೆದ ಮೊಕದ್ದಮೆಯಲ್ಲಿ, 1960ರಲ್ಲಿ, ಸುಪ್ರೀಂ ಕೋರ್ಟಿನ ಪರವಾಗಿ ತೀರ್ಪು ಬರೆದವರು ಧಾರವಾಡದ ಕರ್ನಾಟಕ ಕಾಲೇಜಿನಲ್ಲಿ ಓದಿದ್ದ ಗಜೇಂದ್ರಗಡಕರರು. ವಿಷಯ ಕಟ್ಟಡವಲ್ಲ, ಪಂಚಾಯ್ತಿಯ ಕರಾರು. ಆದರೂ ಕೆಳಗಿನ ನ್ಯಾಯಾಲಯವು ವಿವೇಚನೆಯನ್ನು ನ್ಯಾಯವಾಗಿ ಬಳಸಿದ್ದರೆ, ತನಗೆ ಬೇರೆ ಅಭಿಪ್ರಾಯ ತೋಚಿತೆಂಬಷ್ಟಕ್ಕೇ ಮೇಲಿನದು ಅದನ್ನು ಬದಲಿಸಲಾಗದೆಂಬ ಅಲ್ಲಿನ ತತ್ತ್ವವನ್ನೇ 1990ರ ವಾಂಡರ್ ಮೊಕದ್ದಮೆಯು ತಡೆಯಾಜ್ಞೆಗೂ ಅನ್ವಯಿಸಿತು. ಆಜ್ಞೆ ಸ್ವೇಚ್ಛೆಯದೋ ವಿಪರೀತವಾದುದೋ ಆಗಿರಬೇಕು, ಇಲ್ಲವೆ ನೆಲೆಗೊಂಡ ನ್ಯಾಯಸೂತ್ರಗಳನ್ನು ಕಡೆಗಣಿಸಿರಬೇಕು.

ಕಟ್ಟಡದ ವಿಷಯದಲ್ಲಿ ಈ ಸಂಯಮದ ಬೆಲೆ 2004ರಲ್ಲಿ ಸ್ಪಷ್ಟವಾಯಿತು. ಫರೀದಕೋಟೆಯ ಮಹಾರವಲ್ ಖೇವಾಜಿ ಟ್ರಸ್ಟಿನ ದಾವೆಯಲ್ಲಿ ಅಪೀಲು ನ್ಯಾಯಾಲಯವೂ ಹೈಕೋರ್ಟೂ ಪ್ರತಿವಾದಿಗೆ ಕಟ್ಟಲು, ಪರಭಾರೆ ಮಾಡಲು ಅನುಮತಿಯಿತ್ತಿದ್ದವು. ದಾವೆ ಬಹುಕಾಲ ಎಳೆಯುವುದು, ಅಲ್ಲಿಯವರೆಗೆ ನಿವೇಶನ ಉಪಯೋಗಕ್ಕೆ ಬರಲಿ, ಎಂಬುದು ಪ್ರತಿವಾದಿಯ ವಾದ. ಸುಪ್ರೀಂ ಕೋರ್ಟು ಇದನ್ನೊಪ್ಪಲಿಲ್ಲ. ತುಂಬಲಾಗದ ನಷ್ಟ ತೋರಿಸದ ಹೊರತು ಸ್ವತ್ತಿನ ಸ್ವರೂಪ ಬದಲಾಗಕೂಡದು. ಬದಲಾದರೆ ಗೆದ್ದವನಿಗೆ ಹಾನಿ, ಮೇಲೆ ಹೊಸ ದಾವೆಗಳು.

ದಾವೆ ಕಡೆಗೆ ನಿರಾಧಾರವೆಂದು ಕಂಡರೆ ಪ್ರತಿವಾದಿಯು ನಷ್ಟಪರಿಹಾರ ಬೇಡಬಹುದೆಂದೂ ಹೇಳಿತು. ಅಡಮಾನದ ಕಾಗದಗಳ ನಡುವೆ ದಿನ ಕಳೆಯುವ ನನಗೆ ಈ ಸಮಾಧಾನ ಸುಲಭವಾಗಿ ಒಪ್ಪಿಗೆಯಾಗದು: ತಡೆಯಾಜ್ಞೆ ಕೆಲಸವನ್ನು ನಿಲ್ಲಿಸುತ್ತದೆಯೇ ಹೊರತು ಸಾಲದ ಬಡ್ಡಿಯನ್ನಲ್ಲ. ಆದರೂ ಬಡ್ಡಿಯನ್ನು ಲೆಕ್ಕ ಹಾಕಿ ಕೊಡಿಸಬಹುದು. ಮನೆಗಳು ಮಾರಿಹೋಗಿ ಒಲೆ ಹೊತ್ತಿದ ಮೇಲೆ ಆ ನೆಲವನ್ನು ಹಿಂದಿನಂತೆ ಬರಿದಾಗಿಸಿ ಕೊಡಿಸುವುದು ಯಾವ ಅಪೀಲಿಗೂ ಸುಲಭವಲ್ಲ.