ಬದುವಿನ ತಕರಾರು: ನಮ್ಮ ಭಾಗದ ಮೋಜಣಿಯ ಇತಿಹಾಸ



ನಿಮ್ಮ ಮನೆಯಲ್ಲಿ ಹೊಲದ ಕಾಗದಪತ್ರಗಳ ಗಂಟು ಇದ್ದರೆ ಒಮ್ಮೆ ಬಿಚ್ಚಿ ನೋಡಿರಿ. ಹದ್ದುಬಸ್ತು, ಹಿಸ್ಸಾ, ಖರಾಬ, ತಕರಾರು, ದಾವೆ. ಉರ್ದು ಓದುವ ವಿದ್ಯಾರ್ಥಿಗಳಿಗೆ ಇವು ಪರಿಚಿತ ಪದಗಳೇ. ‘ಹದ್’ ಎಂದರೆ ಎಲ್ಲೆ, ‘ಬಸ್ತ್’ ಎಂದರೆ ಕಟ್ಟುವುದು. ‘ಮೋಜಣಿ’ ಮರಾಠಿಯಿಂದ ಬಂದಿತು, ‘ಸರ್ವೆ’ ಇಂಗ್ಲಿಷಿನಿಂದ. ‘ಬದು’ ಮಾತ್ರ ಅಚ್ಚಗನ್ನಡ. ಒಂದು ಹೊಲದ ಅಂಚಿನ ಮೇಲೆ ಎಷ್ಟು ಆಡಳಿತಗಳು ಕೈಯಾಡಿಸಿವೆ ಎಂಬುದನ್ನು ಈ ಪದಗಳೇ ಹೇಳುತ್ತವೆ. ಇಂದು ಜಮಖಂಡಿ, ಮುಧೋಳ, ಬೀಳಗಿ, ಬನಹಟ್ಟಿಯ ನ್ಯಾಯಾಲಯಗಳಲ್ಲಿ ಬಾಜೂ ಹೊಲದವರು ವಾದಿ ಪ್ರತಿವಾದಿಗಳಾಗಿ ನಿಲ್ಲುವುದನ್ನು ಅರಿಯಬೇಕಾದರೆ ಈ ಹಿನ್ನೆಲೆ ಬೇಕು.

ಹಳೆಯ ಕನ್ನಡ ಶಾಸನಗಳಲ್ಲಿ ದಾನದ ಭೂಮಿಯನ್ನು ‘ಗಳೆ’ ಎಂಬ ಕೋಲಿನಿಂದ ಅಳೆದು, ನಾಲ್ಕೂ ದಿಕ್ಕಿನ ಎಲ್ಲೆ ಬರೆಸುತ್ತಿದ್ದರು. ಮೂಡಲಿಗೆ ಹಳ್ಳ, ಪಡುವಲಿಗೆ ದಾರಿ ಎಂಬ ಹಾಗೆ. ಇಂದಿನ ಖರೀದಿ ಪತ್ರದ ಚತುಃಸೀಮೆ ಅದರದೇ ಸಂತತಿ.

ಸ್ವಾತಂತ್ರ್ಯಕ್ಕೆ ಮೊದಲು ನಮ್ಮ ಈ ನಾಲ್ಕು ಊರುಗಳು ಒಂದೇ ಆಡಳಿತದಲ್ಲಿ ಇರಲಿಲ್ಲ. ಬೀಳಗಿ ಬ್ರಿಟಿಷರ ಮುಂಬಯಿ ಪ್ರಾಂತದಲ್ಲಿತ್ತು. ಜಮಖಂಡಿ ಪಟವರ್ಧನರದು, ಮುಧೋಳ ಘೋರ್ಪಡೆಯವರದು. ಬನಹಟ್ಟಿ ಜಮಖಂಡಿಗೆ ಸೇರಿದ್ದರೆ, ಮಗ್ಗುಲಲ್ಲೇ ಇರುವ ರಬಕವಿ ಸಾಂಗಲಿ ಸಂಸ್ಥಾನಕ್ಕೆ ಸೇರಿತ್ತು. ಇಂದು ಒಂದೇ ನಗರಸಭೆಯಾಗಿರುವ ಊರುಗಳ ನಡುವೆ ಅಂದು ಎರಡು ಸಂಸ್ಥಾನಗಳ ಗಡಿ! ಬ್ರಿಟಿಷರ ಕಾಯ್ದೆ ಸಂಸ್ಥಾನಗಳಿಗೆ ತಾನಾಗಿಯೇ ಅನ್ವಯಿಸುತ್ತಿರಲಿಲ್ಲ. ಕಂದಾಯ, ದಫ್ತರ, ಕೋರ್ಟು ಎಲ್ಲವೂ ಅವರವರದೇ.

ನಾವು ಈಗ ಬಳಸುವ ಸರ್ವೆ ನಂಬರಿನ ಪದ್ಧತಿ ಹುಟ್ಟಿದ್ದು ಪುಣೆ ಜಿಲ್ಲೆಯ ಇಂದಾಪುರದಲ್ಲಿ, 1835-36ರ ಸುಮಾರಿಗೆ, ಗೋಲ್ಡ್‌ಸ್ಮಿಡ್ ಮತ್ತು ವಿಂಗೇಟ್ ಎಂಬ ಅಧಿಕಾರಿಗಳಿಂದ. ಅವರ ಸರಪಳಿ 33 ಅಡಿ ಉದ್ದ, ಅದಕ್ಕೆ 16 ಆಣೆ. ಒಂದು ಸರಪಳಿ ಉದ್ದ, ಒಂದು ಸರಪಳಿ ಅಗಲದ ನೆಲವೇ ಒಂದು ಗುಂಟೆ, ಅಂದರೆ 1089 ಚದರ ಅಡಿ. ಅಂಥ 40 ಗುಂಟೆ ಕೂಡಿದರೆ ಎಕರೆ. (ಗಣಿತದ ಗುರುಗಳು ಇದನ್ನು ಮಕ್ಕಳಿಂದ ಅಂಗಳದಲ್ಲೇ ಹಗ್ಗ ಹಿಡಿಸಿ ಮಾಡಿಸಬಹುದು.) ಒಂದು ಜೋಡಿ ಎತ್ತು ಉಳುವಷ್ಟು ಹೊಲಕ್ಕೆ ಒಂದು ನಂಬರು ಕೊಟ್ಟರು. ಅದರೊಳಗೆ ಇಬ್ಬರು ಮೂವರು ಪಾಲುದಾರರಿದ್ದರೂ ಸರಕಾರಕ್ಕೆ ಬೇಕಾಗಿದ್ದುದು ಆಕಾರ, ಅಂದರೆ ಕಂದಾಯದ ಮೊತ್ತ. ಯಾವ ನೆಲ ಯಾರ ಹಕ್ಕಿನದು ಎಂಬ ದಾಖಲೆಗೆ ಮುಂಬಯಿ ಪ್ರಾಂತದಲ್ಲಿ ಕಾಯ್ದೆಯಾದದ್ದು 1903ರಲ್ಲಿ. ಎಲ್ಲ ಗೊಂದಲದ ಬೇರು ಇಲ್ಲಿದೆ. ಸರ್ವೆ ಹುಟ್ಟಿದ್ದು ಕಂದಾಯಕ್ಕಾಗಿ. ನಾವು ಅದರಿಂದ ಒಡೆತನದ ಉತ್ತರ ಕೇಳುತ್ತಿದ್ದೇವೆ.

ಹಾಗಾದರೆ ಸರ್ವೆಗೆ ಬೆಲೆಯಿಲ್ಲವೇ? ಇದೆ. 1879ರ ಮುಂಬಯಿ ಭೂಕಂದಾಯ ಸಂಹಿತೆಯ 121ನೇ ಕಲಂ, ಅಧಿಕಾರಿ ವಿಧಿವತ್ತಾಗಿ ನಿಗದಿಪಡಿಸಿದ ಎಲ್ಲೆಯು ಇಕ್ಕೆಲದ ಹಿಡುವಳಿದಾರರ ಹಕ್ಕನ್ನೂ ನಿರ್ಧರಿಸುತ್ತದೆ ಎಂದಿತು. 1948ರಲ್ಲಿ ಸಂಸ್ಥಾನಗಳು ವಿಲೀನವಾದವು, 1956ರಲ್ಲಿ ನಾವು ಮೈಸೂರು ರಾಜ್ಯಕ್ಕೆ ಬಂದೆವು, 1964ರಲ್ಲಿ ಹೊಸ ಭೂಕಂದಾಯ ಕಾಯ್ದೆ ಜಾರಿಗೆ ಬಂದಿತು. ಅದರ 140ನೇ ಕಲಮಿನಂತೆ ಎಲ್ಲೆಯ ತಕರಾರನ್ನು ಭೂದಾಖಲೆ ನೋಡಿ ತಹಶೀಲ್ದಾರರು ತೀರ್ಮಾನಿಸಬೇಕು. 133ನೇ ಕಲಮಿನಂತೆ ಹಕ್ಕುದಾಖಲೆಯ ನೋಂದು, ತಪ್ಪೆಂದು ಸಿದ್ಧವಾಗುವವರೆಗೆ ನಿಜವೆಂದೇ ಭಾವನೆ. ‘ಸಿದ್ಧವಾಗುವವರೆಗೆ’ ಎಂಬ ಮಾತನ್ನು ಮರೆಯಬೇಡಿರಿ. ಉತಾರದಲ್ಲಿ ಹೆಸರು ಬಂದ ಮಾತ್ರಕ್ಕೆ ಒಡೆತನ ಹುಟ್ಟುವುದಿಲ್ಲ, ಹೋಗುವುದೂ ಇಲ್ಲ ಎಂದು ಸುಪ್ರೀಂ ಕೋರ್ಟ್ 1996ರಲ್ಲಿ ಸ್ಪಷ್ಟವಾಗಿ ಹೇಳಿದೆ.

ಆದ್ದರಿಂದ ಬಾಗಿಲು ಎರಡು. ಗೆರೆ ಎಲ್ಲಿದೆ ಎಂಬ ಪ್ರಶ್ನೆಗೆ ಮೋಜಣಿ. ನೆಲ ಯಾರದು ಎಂಬ ಪ್ರಶ್ನೆಗೆ ದಿವಾಣಿ ನ್ಯಾಯಾಲಯ. ನಮ್ಮ ಜನ ಅನೇಕ ಸಲ ಮೊದಲನೆಯದನ್ನು ಮಾಡಿಸದೆ ಎರಡನೆಯದಕ್ಕೆ ಓಡುತ್ತಾರೆ. ಬದು ಒತ್ತಿದ್ದಾನೆಂದು ತಡೆಯಾಜ್ಞೆ ಕೇಳುತ್ತಾರೆ. ಎಷ್ಟು ಒತ್ತಿದ್ದಾನೆ, ಯಾವ ಕಡೆಯಿಂದ ಎಂದು ನ್ಯಾಯಾಧೀಶರು ಕೇಳಿದರೆ ಉತ್ತರವಿಲ್ಲ. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 26ನೇ ಆದೇಶದ 9ನೇ ನಿಯಮದಂತೆ ಸ್ಥಳಕ್ಕೆ ಕಮಿಷನರನ್ನು ಕಳಿಸಿ ಅಳೆಯಿಸಬಹುದು. ಹರಿಯಾಣಾ ವಕ್ಫ್ ಮಂಡಳಿಯ ಜಮೀನಿಗೂ ಪಕ್ಕದವರ ಜಮೀನಿಗೂ ನಡುವಿನ ಎಲ್ಲೆಯ ತಕರಾರಿನಲ್ಲಿ ಸುಪ್ರೀಂ ಕೋರ್ಟ್ 2008ರಲ್ಲಿ ಹಾಗೆಯೇ ಮಾಡಬೇಕಾಗಿತ್ತೆಂದು ಹೇಳಿತು. ಕೆಳಗಿನ ಕೋರ್ಟುಗಳು ಅದನ್ನು ಮಾಡದ್ದರಿಂದ ಪ್ರಕರಣ ದಿಲ್ಲಿಯವರೆಗೆ ಹೋಗಬೇಕಾಯಿತು!

ಇನ್ನೊಂದು ಸ್ವಾರಸ್ಯದ ಮೊಕದ್ದಮೆ 1961ರದು. ಕಾಗದದಲ್ಲಿ 160ರ ಬದಲು 1060 ಎಂದು ನಂಬರು ಬಿದ್ದಿತ್ತು. ಚತುಃಸೀಮೆ ಮಾತ್ರ ಸರಿಯಾಗಿತ್ತು. ಸುಪ್ರೀಂ ಕೋರ್ಟ್ ನಂಬರನ್ನು ಬದಿಗಿಟ್ಟು ಚತುಃಸೀಮೆಯನ್ನು ಹಿಡಿಯಿತು. ಶಾಸನ ಬರೆಸಿದ ನಮ್ಮ ಹಿರಿಯರು ಕೇಳಿದ್ದರೆ ನಕ್ಕು ಒಪ್ಪುತ್ತಿದ್ದರು.

ಬಾಜೂದವನ ಹಕ್ಕೂ ಸಣ್ಣದಲ್ಲ. ಹದ್ದುಬಸ್ತು ಮಾಡುವಾಗ ಅಕ್ಕಪಕ್ಕದ ಹಿಡುವಳಿದಾರರಿಗೆ ನೋಟೀಸು ಕೊಡಬೇಕು. ಅವರ ಬೆನ್ನ ಹಿಂದೆ ಎಳೆದ ಗೆರೆ ಕೋರ್ಟಿನಲ್ಲಿ ನಿಲ್ಲುವುದು ಕಷ್ಟ. ನೋಟೀಸು ಬಂದಾಗ ‘ಸಹಿ ಮಾಡುವುದಿಲ್ಲ’ ಎಂದು ಹಟ ಹಿಡಿಯುವವರನ್ನು ನೀವೂ ನೋಡಿರುತ್ತೀರಿ. ಅದು ಜಾಣತನವಲ್ಲ. ಹೋಗಿ ನಿಲ್ಲಬೇಕು, ಮೂಲ ಟಿಪ್ಪಣಿಯಂತೆ ಯಾವ ಬಾಂದಗಲ್ಲಿನಿಂದ ಅಳೆಯುತ್ತಿದ್ದಾರೆ ಎಂದು ಕೇಳಬೇಕು, ಒಪ್ಪದಿದ್ದರೆ ಅಲ್ಲೇ ಬರೆದು ಕೊಡಬೇಕು. ಸುಮ್ಮನಿದ್ದು ದಿನ ಕಳೆದರೆ 1963ರ ಕಾಲಮಿತಿ ಕಾಯ್ದೆಯ 12 ವರ್ಷದ ಲೆಕ್ಕವೂ ಒಂದು ದಿನ ಎದುರಾಗಬಹುದು.

ಒಂದೆರಡು ಗುಂಟೆಗೆ ಇಷ್ಟು ರಾದ್ಧಾಂತವೇ ಎನ್ನಬೇಡಿರಿ. ಕೃಷ್ಣಾ ಮೇಲ್ದಂಡೆ ಯೋಜನೆಯ ಮೂರನೇ ಹಂತದಲ್ಲಿ ಆಲಮಟ್ಟಿಯ ಹಿನ್ನೀರಿಗೆ ಮುಳುಗುವ ಜಮೀನಿಗೆ ಎಕರೆಗೆ ನೀರಾವರಿಯಾದರೆ 40 ಲಕ್ಷ, ಒಣಭೂಮಿಯಾದರೆ 30 ಲಕ್ಷ ರೂಪಾಯಿ ಎಂದು ರಾಜ್ಯ ಸಚಿವ ಸಂಪುಟ 2025ರ ಸೆಪ್ಟೆಂಬರಿನಲ್ಲಿ ನಿರ್ಧರಿಸಿತು. ನೀರಾವರಿ ಹೊಲದ ಒಂದು ಗುಂಟೆಗೆ ಸರಿಯಾಗಿ ಒಂದು ಲಕ್ಷ. ನೀರು ಬಂದ ಮೇಲೆ ಬದುವೂ ಇರುವುದಿಲ್ಲ, ಬಾಂದಗಲ್ಲೂ ಕಾಣುವುದಿಲ್ಲ. ಇಬ್ಬರು ನೆರೆಯವರ ಕೈಯಲ್ಲಿ ಉಳಿಯುವುದು ಟಿಪ್ಪಣಿಯ ಒಂದು ಹಾಳೆ, ಅದರ ಮೇಲೆ 33 ಅಡಿಯ ಸರಪಳಿಯಿಂದ ಅಳೆದ ಅಂಕಿಗಳು.